ಅದು ಅಂದ್ರೆ ಯಾವುದು?

ಗಂಡನ ಮನೆ ಬಿಟ್ಟವರಿಗೆ ಒಂದು ಲಾಭವಾದರೂ ಇರುತ್ತದೆ: ಅವನ ದನಿ ಕೇಳುವ ಕರ್ಮ ತಪ್ಪುತ್ತದೆ. ಇನ್ನೊಮ್ಮೆಯಕ್ಕನಿಗೆ ಅದೂ ದಕ್ಕಿರಲಿಲ್ಲ. ಲಿಫ್ಟ್ ಹತ್ತಿದರೆ "ಬಾಗಿಲು ಮುಚ್ಚುತ್ತಿದೆ, ದಯವಿಟ್ಟು ದೂರ ಸರಿಯಿರಿ" ಎನ್ನುವವನು ಅವನೇ. ಬ್ಯಾಂಕಿಗೆ ಫೋನ್ ಮಾಡಿದರೆ "ನಿಮ್ಮ ಕರೆ ನಮಗೆ ಅಮೂಲ್ಯ" ಎಂದು ಕಿವಿಗೆ ಜೇನು ಸುರಿಯುವವನೂ ಅವನೇ. ಬಸ್ಸಿನಲ್ಲಿ ಮುಂದಿನ ನಿಲ್ದಾಣ ಯಾವುದೆಂದು ಹೇಳುವ ಹಕ್ಕನ್ನೂ ಊರು ಅವನಿಗೇ ಬರೆದುಕೊಟ್ಟಿತ್ತು. ಒಮ್ಮೆ ಲಿಫ್ಟಿನಲ್ಲಿ ತಾಳಲಾರದೆ "ಮೊದಲು ನೀನು ಸರಿ" ಎಂದು ಗಟ್ಟಿಯಾಗಿಯೇ ಅಂದುಬಿಟ್ಟಿದ್ದಳು. ಪಕ್ಕದಲ್ಲಿ ತರಕಾರಿ ಚೀಲ ಹಿಡಿದು ನಿಂತಿದ್ದ ಮುದುಕರು ಪಾಪ, ಗೋಡೆಗೆ ಅಂಟಿಕೊಂಡರು.

ಧ್ವನಿ ಕೊಡುವವರ ನಡುವೆ ಅವನಿಗೆ ಜೇನುಗಂಟಲು ಎಂಬ ಹೆಸರು. ಅವಳಿಗೆ ಇನ್ನೊಮ್ಮೆಯಕ್ಕ ಎಂಬ ಹೆಸರು ಬಂದದ್ದು ಆಮೇಲೆ, ಸ್ಟುಡಿಯೊದಲ್ಲಿ ರೆಕಾರ್ಡಿಂಗ್ ಕೆಲಸ ಕಲಿತ ಮೇಲೆ. ಗಾಜಿನ ಆಚೆ ಕೂತು ಓದುವವರು ಒಂದು ಅಕ್ಷರ ನುಂಗಿದರೂ ಸಾಕು, ಈಚೆಯಿಂದ ಗುಂಡಿ ಒತ್ತಿ "ಇನ್ನೊಮ್ಮೆ" ಅನ್ನುತ್ತಿದ್ದಳು. ಸಿಟ್ಟಿಲ್ಲ, ಸೆಡವಿಲ್ಲ, ವಿನಾಯಿತಿಯೂ ಇಲ್ಲ. ದೊಡ್ಡ ದೊಡ್ಡ ಗಂಟಲುಗಳು ಅವಳ ಮುಂದೆ ನೀರು ಕುಡಿದಿದ್ದವು.

ಜೇನುಗಂಟಲು ಈ ಸ್ಟುಡಿಯೊಗೆ ಬರುವಂತೆ ಮಾಡಿದವಳು ಅವಳೇ. ಆದರೆ ಅದು ಅವನಿಗೆ ಗೊತ್ತಿರಲಿಲ್ಲ.

ಡಾಕ್ಟರಮ್ಮ ಒಂದು ಫೋನ್ ಸೇವೆ ಶುರುಮಾಡುವವರಿದ್ದರು. ನಾಚಿಕೆಯ ಕಾಯಿಲೆಗಳ ಡಾಕ್ಟರು ಅವರು. ಅವರ ಪ್ರಕಾರ ರೋಗಿಗಳ ಮೊದಲ ಕಾಯಿಲೆಯೇ ನಾಚಿಕೆ. "ಬರ್ತಾರೆ, ಕೂರ್ತಾರೆ, 'ಕೆಳಗಡೆ ಸ್ವಲ್ಪ' ಅಂತಾರೆ. 'ಯಜಮಾನರಿಗೆ ಅದು' ಅಂತಾರೆ. ಅದು ಅಂದ್ರೆ ಯಾವುದು ಅಂತ ನಾನು ಕಣಿ ಕೇಳ್ಬೇಕಾ? ಒಬ್ಬಳು ಹೀಗೇ ಅದು ಅದು ಅಂದು, ಕೊನೆಗೆ ಹೊಟ್ಟೆನೋವಿನ ಮಾತ್ರೆ ಬರೆಸ್ಕೊಂಡು ಹೋದ್ಲು" ಎಂದು ಸ್ಟುಡಿಯೊದವರ ಮುಂದೆ ಅಲವತ್ತುಕೊಂಡಿದ್ದರು. ಅದಕ್ಕೇ ಈ ಏರ್ಪಾಡು. ಫೋನ್ ಮಾಡಿದವರಿಗೆ ಮೊದಲು ಪದ ಕೇಳಿಸಬೇಕು, ಆಮೇಲೆ ಅದರ ಅರ್ಥ, ಆಮೇಲೆ ಬಳಕೆ. ಬಳಕೆಯ ವಾಕ್ಯ 'ನಾನು', 'ನನಗೆ' ಎಂದೇ ಇರಬೇಕು, ಕೇಳಿದವರು ಹಾಗೆಯೇ ಡಾಕ್ಟರ ಮುಂದೆ ಒಪ್ಪಿಸುವಂತೆ. ಗಂಡಸರ ವಾಕ್ಯಗಳಿಗೆ ಗಂಡಸಿನ ದನಿ, ಹೆಂಗಸರದ್ದಕ್ಕೆ ಹೆಂಗಸಿನದು.

"ಗಂಡುದನಿಗೆ ಜೇನುಗಂಟಲಿನವರನ್ನ ಕೇಳಿ ನೋಡಿ ಡಾಕ್ಟ್ರೇ" ಎಂದಿದ್ದಳು ಇನ್ನೊಮ್ಮೆಯಕ್ಕ.

"ಅಷ್ಟು ದೊಡ್ಡವರು ಇಂಥದಕ್ಕೆಲ್ಲ ಒಪ್ತಾರೇನೇ?"

"ಈಗೀಗ ಒಪ್ತಾರೆ."

ನಿಜವೇ. ಯಂತ್ರಗಳು ತಾವೇ ಮಾತಾಡಲು ಕಲಿತ ಮೇಲೆ ಜೇನಿಗೆ ಗಿರಾಕಿ ಕಡಿಮೆಯಾಗಿದ್ದರು.

ಅವಳಿಗೆ ಬೇಕಾಗಿದ್ದದ್ದು ಅವನೊಬ್ಬನೇ ಅಲ್ಲ. ಅವನು ಎಲ್ಲಿಗೆ ಹೋದರೂ ಜೊತೆಗೆ ಅವನ ಸೋದರಮಾವ ಬರುತ್ತಾರೆ. ಮಾತುಕತೆ, ಮರ್ಯಾದೆ, ಕಾರಿನ ಬೀಗದ ಕೈ ಎಲ್ಲ ಅವರದೇ. ಸಂಸಾರ ಮುರಿದ ದಿನ ಅತ್ತೆಮನೆಯ ಹಜಾರದಲ್ಲಿ ನ್ಯಾಯ ನಡೆಸಿದವರೂ ಅವರೇ. ಹಿರಿಯರೆಲ್ಲ ಕುರ್ಚಿಯಲ್ಲಿ, ಅವಳಿಗೆ ಅಡುಗೆಮನೆ ಬಾಗಿಲ ಬಳಿ ಒಂದು ಸ್ಟೂಲು. ಗಂಡ ಎದ್ದು ನಿಂತು, ಬಸ್ಸಿಗೂ ಬ್ಯಾಂಕಿಗೂ ಕೊಡುವ ಅದೇ ದನಿಯಲ್ಲಿ, "ನಾನು ಹೇಳಬಾರದು, ಆದ್ರೂ ಹೇಳ್ತೀನಿ. ಅವಳಿಗೆ ಸಂಸಾರದ ಕಡೆ ಮನಸ್ಸಿಲ್ಲ. ನಾನು ತಾಳ್ಮೆಯಿಂದಲೇ ಇದ್ದೆ" ಎಂದಿದ್ದ. ಕೇಳಿದವರಿಗೆಲ್ಲ ಕಣ್ಣು ತೇವವಾಗಿತ್ತು. ಆಮೇಲೆ ಸೋದರಮಾವ ಅವಳ ಕಡೆ ತಿರುಗಿದ್ದರು.

"ನಿಂದೇನಮ್ಮಾ? ಸರಿಯಾಗಿ ಹೇಳು."

"ಅವರು... ನಾನು ಬೇಡ ಅಂದ್ರೂ... ಅದು..."

"ಅದು ಅಂದ್ರೆ ಯಾವುದು?"

ಅವಳ ಬಾಯಲ್ಲಿ ಪದವಿರಲಿಲ್ಲ. ಅಡುಗೆಮನೆಯಲ್ಲಿ ಇರುವ ಅಷ್ಟೂ ಡಬ್ಬಿಗಳ ಹೆಸರು ಗೊತ್ತಿತ್ತು, ಇದರ ಹೆಸರು ಗೊತ್ತಿರಲಿಲ್ಲ. ಯಾರೋ ಕಿಸಕ್ಕನೆ ನಕ್ಕರು. ಹೆತ್ತ ತಾಯಿಯೇ ಹಿಂದಿನಿಂದ ತೊಡೆ ಚಿವುಟಿ ಸುಮ್ಮನಿರು ಎಂದಳು. "ಹೆಸರಿಲ್ಲದ ದೂರನ್ನ ಹೇಗಮ್ಮಾ ವಿಚಾರಿಸೋದು?" ಎಂದು ಸೋದರಮಾವ ಕೈ ಝಾಡಿಸಿದ್ದರು. ಅಲ್ಲಿಗೆ ಮುಗಿಯಿತು. ಅವಳೂ ಅವಳ ಟ್ರಂಕೂ ಬೀದಿಯಲ್ಲಿದ್ದವು.

ಆ ಕಿಸಕ್ಕೆಂಬ ನಗು ಅವಳ ಕಿವಿಯಿಂದ ಇಳಿದಿರಲಿಲ್ಲ. ಸದ್ದುಗಳನ್ನು ಅಳಿಸುವುದೇ ಕಸುಬಾದವಳಿಗೂ ಅದೊಂದನ್ನು ಅಳಿಸಲು ಬಂದಿರಲಿಲ್ಲ.

ಸ್ಟುಡಿಯೊದಲ್ಲಿ ಅವಳ ಮುಂದೆ ಓದುವವರ ಗಾಜಿನ ಕೋಣೆ, ಬೆನ್ನ ಹಿಂದೆ ಇನ್ನೊಂದು ಗಾಜು, ಅದರಾಚೆ ಬಂದವರು ಕೂರುವ ಕೋಣೆ. ಆ ಕೋಣೆಯಲ್ಲೊಂದು ಸ್ಪೀಕರ್ ಇದೆ. ಒಳಗೆ ಓದುವುದನ್ನು ಅಲ್ಲಿದ್ದವರಿಗೂ ಕೇಳಿಸಬೇಕೆಂದರೆ ಅವಳ ಮುಂದಿನ ಸೌಂಡ್ ಮಿಕ್ಸರಿನ ಮೂಲೆಯ ತಿರುಪು ತಿರುಗಿಸಿದರಾಯಿತು. ಬೆಳಿಗ್ಗೆ ಬಂದವಳೇ ಅದನ್ನು ಪೂರ್ತಿ ತಿರುಗಿಸಿದಳು.

ಜೇನುಗಂಟಲು ಒಳಗೆ ಬಂದವನು ಅವಳನ್ನು ಕಂಡು ನಿಂತುಬಿಟ್ಟ.

"ನೀನು... ಇಲ್ಲಿ?"

"ನಾನು ಇಲ್ಲಿ, ನೀವು ಅಲ್ಲಿ" ಎಂದು ಗಾಜಿನ ಕೋಣೆ ತೋರಿಸಿದಳು. "ಬಾಗಿಲು ಮುಚ್ಚುತ್ತಿದೆ, ದಯವಿಟ್ಟು ದೂರ ಸರಿಯಿರಿ."

ಅವಳ ಪಕ್ಕದಲ್ಲೇ ಕೂತಿದ್ದ, ಇವರಿಬ್ಬರ ಕಥೆ ಗೊತ್ತಿಲ್ಲದ ಡಾಕ್ಟರಮ್ಮ ಜೋಕಿರಬೇಕೆಂದು ನಕ್ಕರು. ಅವನು ಗಾಜಿನ ಕೋಣೆ ಸೇರಿ ಬಾಗಿಲು ಮುಚ್ಚಿಕೊಂಡ ಮೇಲೆ, ಹಿಂದೆ ಬಂದ ಸೋದರಮಾವ ಗಂಟಲು ಸರಿಮಾಡಿಕೊಂಡು, "ಏನಮ್ಮಾ, ಚೆನ್ನಾಗಿದ್ದೀಯಾ?" ಎಂದರು.

"ಚೆನ್ನಾಗಿದ್ದೀನಿ ಮಾವ. ಆ ಕೋಣೇಲಿ ಕೂತ್ಕೊಳ್ಳಿ. ಒಳ್ಳೇ ಸೋಫಾ ಇದೆ, ಎಲ್ಲಾ ಕೇಳಿಸುತ್ತೆ."

ಮೊದಲ ಹಾಳೆ ನೋಡಿಯೇ ಜೇನುಗಂಟಲಿನ ಹುಬ್ಬು ಮೇಲೇರಿತು. "ಡಾಕ್ಟ್ರೇ, ಇಲ್ಲಿ ಸಂಭೋಗ ಅಂತಿದೆ. ದಾಂಪತ್ಯ ಸುಖ ಅನ್ನಬಹುದಲ್ವಾ? ಕೇಳೋಕೆ ಹಿತ."

"ಹಿತ ಬೇಡ ಸಾರ್, ಅರ್ಥ ಬೇಕು. ದಾಂಪತ್ಯ ಸುಖ ಅಂದ್ರೆ ಹೆಂಡತಿ ಬಿಸಿ ಕಾಫಿ ಕೊಡೋದೂ ಆಗುತ್ತೆ."

ಅವನು ಓದತೊಡಗಿದ. "ಶೀಘ್ರಸ್ಖಲನ. ಅರ್ಥ: ಸಂಭೋಗದಲ್ಲಿ, ಬಯಸಿದ್ದಕ್ಕಿಂತ ಬಹಳ ಮೊದಲೇ ವೀರ್ಯ ಹೊರಬರುವುದು. ಬಳಕೆ: ಡಾಕ್ಟರೇ, ನನಗೆ ಶೀಘ್ರಸ್ಖಲನದ ತೊಂದರೆ ಇದೆ."

"ಇನ್ನೊಮ್ಮೆ."

"ಯಾಕೆ, ಏನಾಯ್ತು?"

"'ನನಗೆ' ಅನ್ನೋದು ಸರಿಯಾಗಿ ಕೇಳಿಸ್ಲಿಲ್ಲ."

ಅವನು ಮತ್ತೆ ಹೇಳಿದ. ಅವಳು ಮತ್ತೆ ಗುಂಡಿ ಒತ್ತಿದಳು. ಅವನ ಕಿವಿಯ ತುದಿ ಕೆಂಪಾಯಿತು. ಹಿಂದಿನ ಗಾಜಿನಲ್ಲಿ ಸೋದರಮಾವ ಸೋಫಾದ ತುದಿಗೆ ಸರಿದು, ಕಿರುಬೆರಳು ಕಿವಿಗೆ ಹಾಕಿ ಅಲ್ಲಾಡಿಸಿಕೊಂಡದ್ದು ಕಾಣಿಸಿತು. ಅವಳ ಎದೆಯಲ್ಲಿ ಸಣ್ಣದೊಂದು ದೀಪ ಹತ್ತಿತು. ಶಿಶ್ನ ನಿಮಿರದ ತೊಂದರೆಯನ್ನು ಅವನ ಬಾಯಲ್ಲೇ ಮತ್ತೆ ಮತ್ತೆ ಹೇಳಿಸಿದಳು. 'ತೊಂದರೆ' ಎಂಬಲ್ಲಿ ತೊಂದರೆಯೇ ಕೇಳುತ್ತಿಲ್ಲ ಎಂದಳು. ಡಾಕ್ಟರಮ್ಮನಿಗೆ ಅವಳ ಶ್ರದ್ಧೆ ಕಂಡು ಸಂತೋಷವಾಯಿತು.

ಆದರೆ ದೀಪ ಹೆಚ್ಚು ಹೊತ್ತು ಉರಿಯಲಿಲ್ಲ. ಎಷ್ಟೆಂದರೂ ಅವನು ಕಸುಬುದಾರ. ಹಸ್ತಮೈಥುನದ ಹೊತ್ತಿಗೆ ಚೇತರಿಸಿಕೊಂಡ, ಮುಖಮೈಥುನದ ಹೊತ್ತಿಗೆ ಲಯಕ್ಕೆ ಬಿದ್ದ, ಗುದಮೈಥುನವನ್ನಂತೂ ಮುಂದಿನ ನಿಲ್ದಾಣವೆಂಬಂತೆ ಸಾರಿದ. ಇಳಿಯುವವರು ಯಾರಾದರೂ ಇದ್ದಿದ್ದರೆ ಇಳಿದುಬಿಡುತ್ತಿದ್ದರು. ಸೋದರಮಾವ ಮತ್ತೆ ಬೆನ್ನು ಒರಗಿಸಿ, ತೊಡೆಯ ಮೇಲೆ ಬೆರಳು ಕುಟ್ಟತೊಡಗಿದ್ದರು. ನೀರಿನ ಲೋಟ ಇಡಲು ಹೋದ ಹುಡುಗಿಗೆ, "ನಮ್ಮ ಹುಡುಗ ಏನು ಕೊಟ್ರೂ ಓದ್ತಾನೆ ನೋಡು" ಎಂದರಂತೆ. ಗಾಜಿನಾಚೆಯಿಂದ ಜೇನುಗಂಟಲು ಅವಳ ಕಡೆ ನೋಡಿ ಸಣ್ಣಗೆ ನಕ್ಕ. ಇಷ್ಟೇನಾ, ಎಂಬ ನಗೆ.

ಇನ್ನೊಮ್ಮೆಯಕ್ಕನಿಗೆ ತನ್ನ ಲೆಕ್ಕಾಚಾರದ ತೂತು ಆಗ ಕಂಡಿತು. ಇವನು ಬದುಕಿದ್ದೇ ಬೇರೆಯವರ 'ನಾನು' ಓದಿಕೊಂಡು. ಬ್ಯಾಂಕಿನ ಪರವಾಗಿ 'ನಮಗೆ' ಎಂದ, ಯಾರೂ ಇವನನ್ನು ಬ್ಯಾಂಕು ಎಂದುಕೊಳ್ಳಲಿಲ್ಲ. ಈಗ ರೋಗಿಯ ಪರವಾಗಿ 'ನನಗೆ' ಎಂದರೆ ಯಾರಿಗೇನು? ಬರೆದುಕೊಟ್ಟ ಮಾತು ಅವನ ಮೈಗೆ ಹತ್ತುವುದೇ ಇಲ್ಲ. ಅವಳು ಗುಂಡಿಯ ಮೇಲಿನ ಬೆರಳು ತೆಗೆದು, ಅಂಗೈಯ ಬೆವರನ್ನು ಸೀರೆಗೆ ಒರೆಸಿಕೊಂಡಳು.

ಉಳಿದದ್ದು ಕೊನೆಯ ಹಾಳೆ.

"ಬಲವಂತದ ಸಂಭೋಗ. ಅರ್ಥ: ಒಪ್ಪಿಗೆ ಇಲ್ಲದವರ ಮೇಲೆ, ಬೇಡ ಎಂದವರ ಮೇಲೆ ನಡೆಸುವ ಸಂಭೋಗ. ನಡೆಸಿದವನು ಗಂಡನೇ ಆಗಿದ್ದರೂ ಅದರ ಹೆಸರು..."

ಅವನು ನಿಲ್ಲಿಸಿದ. ಅವಳು ಏನೂ ಹೇಳಿರಲಿಲ್ಲ; ತಾನೇ ನಿಲ್ಲಿಸಿದ. ಹೆಡ್‌ಫೋನನ್ನು ಒಂದು ಕಿವಿಯಿಂದ ಸರಿಸಿಕೊಂಡ.

"ಡಾಕ್ಟ್ರೇ, ಇದು ಕಾಯಿಲೆ ಅಲ್ವಲ್ಲ. ಇದನ್ಯಾಕೆ ಸೇರಿಸಿದ್ರಿ?"

ಡಾಕ್ಟರಮ್ಮ ಮೈಕಿನ ಹತ್ತಿರ ಬಾಗಿದರು. "ಗಾಯ ಆಗುತ್ತೆ ಸಾರ್. ಗಾಯ ಆದೋರು ನನ್ನ ಹತ್ರಾನೇ ಬರೋದು."

"ಅದಿರ್ಲಿ. ಗಂಡಸಿನ ವಾಕ್ಯ ನೋಡಿ: 'ನನ್ನ ಹೆಂಡತಿ ಬೇಡ ಎಂದರೂ ನಾನು ಅವಳ ಮೇಲೆ...' ಹೀಗಂತ ಹೇಳ್ಕೊಂಡು ಯಾವ ಗಂಡಸು ಬರ್ತಾನೆ?"

"ಪದ ಸಿಕ್ಕಿದ್ರೆ ಒಬ್ಬ ಬಂದಾನು."

"ಬಿಡಿ ಡಾಕ್ಟ್ರೇ, ನಿಮಗೆ ಸಂಸಾರದ ಅನುಭವ ಕಡಿಮೆ. ಹೆಂಗಸರು ಬೇಡ ಅಂತಾನೇ ಅನ್ನೋದು. ನನ್ನ ಮನೇದೇ ತಗೊಳ್ಳಿ. ಮದುವೆಯಾದಾಗಿಂದ ಬೇಡ ಬೇಡ ಅಂತ ಅಳೋಳು, ಕಿರುಚೋಳು. ಬಿಟ್ಟಿದ್ನಾ ನಾನು? ಬಾಯಿ ಅದುಮಿ ಹಿಡೀತಿದ್ದೆ, ಪಕ್ಕದ ಮನೆಗೆ ಕೇಳಬಾರದಲ್ಲ ಅಂತ. ಅದಕ್ಕೆಲ್ಲ ಇಂಥಾ ಹೆಸರಿಟ್ಕೊಂಡು ಕೂತ್ರೆ ಯಾವ ಸಂಸಾರ ಉಳಿಯುತ್ತೆ?"

ಮಿಕ್ಸರಿನಲ್ಲಿ ದನಿಯ ಮಟ್ಟ ತೋರಿಸುವ ಮುಳ್ಳು ಕೆಂಪಿಗೆ ಹಾರಿ ನಿಂತಿತು. ಇದು ಬಸ್ಸಿನ ದನಿಯಲ್ಲ, ಬ್ಯಾಂಕಿನದಲ್ಲ. ಜೇನಿನ ಅಡಿಯಲ್ಲಿದ್ದ ಮನೆಯ ದನಿ. ಇಷ್ಟು ವರ್ಷ ಅದನ್ನು ಕೇಳಿದ್ದ ಕಿವಿಗಳು ಎರಡೇ, ಆ ಎರಡೂ ಅವಳವು. ಈಗ ಡಾಕ್ಟರಮ್ಮನ ಕೈಯಲ್ಲಿ ಪೆನ್ನು ನಿಂತಿತ್ತು. ಹಿಂದಿನ ಗಾಜಿನಲ್ಲಿ ಸೋದರಮಾವ ಎದ್ದು ನಿಂತಿದ್ದರು, ಸ್ಪೀಕರನ್ನೇ ನೋಡುತ್ತ, ಅದರಿಂದ ಹಾವು ಇಳಿದುಬಂದಿತೇನೋ ಎಂಬಂತೆ.

ಇನ್ನೊಮ್ಮೆಯಕ್ಕ ಗುಂಡಿ ಒತ್ತಿದಳು.

"ಹೊರಗಿನ ಸ್ಪೀಕರ್ ಹಾಕಿದೆ. ಮಾವ ಕೇಳಿಸ್ಕೊಳ್ತಾ ಇದ್ದಾರೆ."

ಗಾಜಿನಾಚೆ ಅವನ ಬಾಯಿ ತೆರೆದೇ ಇತ್ತು. ಅವನ ಬಾಯಿಂದ ಏನೂ ಹೊರಡದ್ದನ್ನು ಅವಳು ಕಂಡದ್ದು ಅದೇ ಮೊದಲು. ಡಾಕ್ಟರಮ್ಮ ಅವನ ಮುಖ ನೋಡಿದರು, ಇವಳ ಮುಖ ನೋಡಿದರು. ಬಿಡಿಸಿ ಹೇಳಬೇಕಾದ್ದೇನೂ ಉಳಿಯಲಿಲ್ಲ.

"ಈ ದನಿ ನನಗೆ ಬೇಡ" ಎಂದರು ಅವರು ಮೆಲ್ಲಗೆ. "ಕಳಿಸಿಬಿಡೇ. ಬೇರೆಯವರನ್ನ ನೋಡೋಣ."

"ಕಳಿಸ್ಬೇಡಿ ಡಾಕ್ಟ್ರೇ. ಇವರಷ್ಟು ಗೊತ್ತಿದ್ದು ಓದೋರು ಎಲ್ಲಿ ಸಿಕ್ತಾರೆ? ಯಾರು ಫೋನ್ ಮಾಡಿದ್ರೂ ಇವರ ಬಾಯಲ್ಲೇ ಕೇಳ್ಲಿ." ಮತ್ತೆ ಗುಂಡಿ ಒತ್ತಿ, "ಬಳಕೆಯಿಂದ ತಗೊಳ್ಳಿ" ಎಂದಳು.

ಅವನು ಎದ್ದು ಹೋಗಬಹುದಿತ್ತು. ಆದರೆ ಹೊರಗೆ ಸೋದರಮಾವ ನಿಂತಿದ್ದರು. ಜೊತೆಗೆ, ಆಡಿಬಿಟ್ಟ ಮಾತಿಗೂ ಓದುವ ಮಾತಿಗೂ ವ್ಯತ್ಯಾಸ ತಿಳಿಯದಂತೆ ಮಾಡಬಹುದೆಂಬ ಸಣ್ಣ ಆಸೆಯೂ ಅವನಿಗಿತ್ತು: ಎಲ್ಲವನ್ನೂ ಓದಿಬಿಟ್ಟರೆ ಎಲ್ಲವೂ ಬರೀ ಓದೇ ಆದೀತು. ಹಾಳೆ ಎತ್ತಿಕೊಂಡ. ಹಾಳೆಯ ಸದ್ದು ಮೈಕಿನಲ್ಲಿ ಬೆಂಕಿ ಹತ್ತಿದ ಹುಲ್ಲಿನಂತೆ ಕೇಳಿತು.

"ಡಾಕ್ಟರೇ, ನನ್ನ ಹೆಂಡತಿ ಬೇಡ ಎಂದರೂ... ನಾನು ಅವಳ ಮೇಲೆ..."

"ಇನ್ನೊಮ್ಮೆ."

"ಡಾಕ್ಟರೇ, ನನ್ನ ಹೆಂಡತಿ ಬೇಡ ಎಂದರೂ ನಾನು ಅವಳ ಮೇಲೆ ಬಲವಂತದ..."

"ಪೂರ್ತಿ. ಉಸಿರು ತಗೊಂಡು."

"ಡಾಕ್ಟರೇ, ನನ್ನ ಹೆಂಡತಿ ಬೇಡ ಎಂದರೂ ನಾನು ಅವಳ ಮೇಲೆ ಬಲವಂತದ ಸಂಭೋಗ ನಡೆಸಿದ್ದೇನೆ."

ಜೇನು ಎಲ್ಲೂ ಇರಲಿಲ್ಲ. ಒಣ ಗಂಟಲು, ಗೀರು ಬಿದ್ದ ತಟ್ಟೆಯಂಥ ದನಿ. ಅವಳ ಕಸುಬಿನ ಜೀವನದಲ್ಲಿ ಇಷ್ಟು ಸ್ವಚ್ಛವಾದ ರೆಕಾರ್ಡಿಂಗ್ ಆಗಿರಲಿಲ್ಲ. ಆದರೂ "ಇನ್ನೊಮ್ಮೆ" ಎಂದಳು. ಇದು ಕೆಲಸಕ್ಕಲ್ಲ, ತನಗೆ.

ಅವನು ಓದುತ್ತಿರುವಾಗಲೇ ಹಿಂದಿನ ಬಾಗಿಲು ತೆರೆದುಕೊಂಡಿತು. ಸೋದರಮಾವ ಒಳಗೆ ಬಂದು, ಎಲ್ಲಿ ನಿಲ್ಲಬೇಕೆಂದು ತಿಳಿಯದೆ, ಮೂಲೆಯ ಸ್ಟೂಲಿನ ಪಕ್ಕ ನಿಂತರು. ಕಾರಿನ ಬೀಗದ ಕೈ ಮುಷ್ಟಿಯಲ್ಲಿ ಕಿಣಿಗುಡುತ್ತಿತ್ತು.

"ಅಮ್ಮಾ... ಆವತ್ತು ನೀನು ಹೇಳೋಕೆ ಬಂದಿದ್ದು... ಇದೇನಾ?"

ಅವಳು ಕುರ್ಚಿ ತಿರುಗಿಸಿದಳು. "ಇದು ಅಂದ್ರೆ ಯಾವುದು ಮಾವ?"

"ಅದೇ ಕಣಮ್ಮಾ. ಅವನು ಈಗ ಹೇಳಿದ್ನಲ್ಲ... ಅದು."

"ಅದು ಅಂದ್ರೆ?"

ಇಡೀ ಹಜಾರವನ್ನು ಗದರಿಸುತ್ತಿದ್ದ ಬಾಯಿ ಒಂದು ಪದಕ್ಕಾಗಿ ತಡಕಾಡುತ್ತಿತ್ತು. ಡಾಕ್ಟರಮ್ಮ ಕನಿಕರದಿಂದ ಏನೋ ಹೇಳಲು ಹೋದರು. ಇನ್ನೊಮ್ಮೆಯಕ್ಕ ಕೈಯೆತ್ತಿ ತಡೆದಳು. ಕನಿಕರಕ್ಕೆ ಈ ಹೊತ್ತು ಬಾಗಿಲು ಮುಚ್ಚಿತ್ತು.

"ಕೂತ್ಕೊಳ್ಳಿ ಮಾವ, ಸ್ಟೂಲಿದೆ" ಎಂದಳು. ಅವರು ಕೂತರು. "ಹೆಸರಿಲ್ಲದ ದೂರನ್ನ ವಿಚಾರಿಸೋಕಾಗಲ್ಲ ಅಂದೋರು ನೀವೇ. ಈಗ ಸರಿಯಾಗಿ ಹೇಳಿ. ನಿಮ್ಮ ಹುಡುಗ ನನಗೆ ಏನು ಮಾಡ್ದ?"

"ಬಲ..." ಎಂದರು ಅವರು. ನೆಲ ನೋಡಿದರು. ಗಾಜಿನಾಚೆ ನಿಂತು ಇವರನ್ನೇ ನೋಡುತ್ತಿದ್ದ ಸೋದರಳಿಯನನ್ನು ನೋಡಿದರು. ಮತ್ತೆ ನೆಲಕ್ಕೇ ಹೇಳಿದರು, "ಬಲವಂತದ ಸಂಭೋಗ."

ಇನ್ನೊಮ್ಮೆಯಕ್ಕ ಕಿವಿಯ ಮೇಲಿದ್ದ ಹೆಡ್‌ಫೋನ್ ತೆಗೆದು ಪಕ್ಕಕ್ಕಿಟ್ಟಳು. ಅವಳಿಗೇನೂ ಆತುರವಿರಲಿಲ್ಲ. ಸ್ಟುಡಿಯೊ ಸಂಜೆಯವರೆಗೂ ಅವಳದೇ.

"ಸರಿಯಾಗಿ ಕೇಳಿಸ್ಲಿಲ್ಲ ಮಾವ" ಎಂದಳು. "ಇನ್ನೊಮ್ಮೆ."