ಸ್ವಂತ ವಾಕ್ಯ

ಚಟ್ಟಕ್ಕೆ ಹೆಗಲು ಕೊಡಲು ಬಗ್ಗಿದ್ದವರನ್ನು ಗುರುಪಾದಸ್ವಾಮಿ ಮೇಷ್ಟ್ರು ಕೈಯೆತ್ತಿ ತಡೆದರು. ತಮಟೆ ನಿಂತಿತು.

"ಎರಡು ಮಾತಾಡ್ತೀನಿ, ತಡೀರಪ್ಪ."

ನಿವೃತ್ತರಾಗಿ ಎಷ್ಟೋ ವರ್ಷವಾಗಿದ್ದರೂ ಊರಿನಲ್ಲಿ ಮದುವೆಯಾಗಲಿ, ಸಾವಾಗಲಿ, ಅವರ ಎರಡು ಮಾತಿಲ್ಲದೆ ಮುಗಿಯುತ್ತಿರಲಿಲ್ಲ. ಶಲ್ಯ ಸರಿಮಾಡಿಕೊಂಡು ಶುರುಮಾಡಿದರು. "ಸಹನೆ ಅಂತ ಒಂದು ಪದ ಇದೆ. ಅದನ್ನ ಸ್ವಂತ ವಾಕ್ಯದಲ್ಲಿ ಬಳಸಿ ಅಂದ್ರೆ ನಾನು ದೊಡ್ಡಮಾದಮ್ಮನ ಹೆಸರು ಹೇಳ್ತೀನಿ. ಗಂಡ ಸತ್ತ ಮೇಲೆ ಕಂಡೋರ ಹೊಲದಲ್ಲಿ ಕಳೆ ಕಿತ್ತು ಮಕ್ಕಳನ್ನ ಸಾಕಿದ್ಲು. ಒಂದು ದಿನ ಯಾರಿಗೂ ಎದುರು ಮಾತಾಡಿದೋಳಲ್ಲ."

ಅವ್ವನ ತಲೆಯ ಬಳಿ ಕುಳಿತಿದ್ದ ಕುಮಾರಿ ಸರಕ್ಕನೆ ತಿರುಗಿದಳು. ಬೆಳಗಿನಿಂದ ಅತ್ತು ಬತ್ತಿದ್ದ ಕಣ್ಣು ಉರಿಯತೊಡಗಿತು.

*

ಆಗ ಕುಮಾರಿ ಐದನೇ ಕ್ಲಾಸು. ಕೋಳಿ ಕೂಗುವ ಮೊದಲೇ ಅವ್ವನ ಜೊತೆ ಚೆಂಡುಹೂವಿನ ಹೊಲಕ್ಕೆ ಹೋಗಿ, ಹೂ ಬಿಡಿಸಿ, ಅಲ್ಲಿಂದಲೇ ಶಾಲೆಗೆ ಓಡುತ್ತಿದ್ದಳು. ಮಧ್ಯಾಹ್ನವಾದರೆ ಕಣ್ಣು ಎಳೆಯುತ್ತಿತ್ತು. ಒಂದು ದಿನ ಮೇಷ್ಟ್ರು ಬೋರ್ಡಿನ ಮೇಲೆ ಹೊಸ ಪದವೊಂದನ್ನು ಬರೆದರು: ಆಲಸ್ಯ. ಯಾರಿಗೂ ಗೊತ್ತಿರಲಿಲ್ಲ. ತೂಕಡಿಸುತ್ತಿದ್ದ ಹುಡುಗಿಯ ಕಡೆ ನೋಡಿ ತಾವೇ ವಾಕ್ಯ ಮಾಡಿ ಅದರ ಕೆಳಗೆ ಬರೆದರು: 'ಆಲಸ್ಯಕ್ಕೆ ಇನ್ನೊಂದು ಹೆಸರು ಕುಮಾರಿ.'

ಅರ್ಥ ಹೇಳುವ ಮೊದಲೇ ಗಂಟೆ ಹೊಡೆಯಿತು. ಅದು ಯಾವುದೋ ಪ್ರಾಣಿ ಇರಬೇಕೆಂದುಕೊಂಡ ಮಕ್ಕಳು "ಆಲಸ್ಯ ಬತ್ತಾ ಅದೆ, ಬಾಲ ಎಳೀರ್ಲಾ" ಎಂದು ದಾರಿಯುದ್ದಕ್ಕೂ ಅವಳ ಜಡೆ ಜಗ್ಗಿದರು.

"ಅವ್ವ, ಆಲಸ್ಯ ಅಂದ್ರೇನು?"

ಅವ್ವನಿಗೂ ಗೊತ್ತಿರಲಿಲ್ಲ. ಮಾರನೆಯ ದಿನ ಬಸ್ಸಿನ ಕಂಡಕ್ಟರನನ್ನು ಕೇಳಿದಳು. "ಸೋಮಾರಿತನ ಕಣಮ್ಮ" ಎಂದ. ದೊಡ್ಡಮಾದಮ್ಮ ಬಸ್ಸು ಹತ್ತಲಿಲ್ಲ. ನೆಟ್ಟಗೆ ಶಾಲೆಗೆ ನಡೆದಳು. ಬೋರ್ಡಿನ ಮೇಲೆ ನಿನ್ನೆಯ ವಾಕ್ಯ ಹಾಗೇ ಇತ್ತು.

"ನನ್ ಕೂಸು ನಿಮ್ಗಿಂತ ಮುಂಚೆ ಎದ್ದು ದುಡೀತದೆ ಮೇಷ್ಟ್ರೇ. ಅದ್ರ ಎಸರು ಅಳ್ಸಿ."

"ಪಾಠದ ಮಧ್ಯೆ ಬರಬಾರ್ದು, ಹೋಗಮ್ಮ. ಅದು ಬರೀ ಉದಾಹರಣೆ."

"ಉದಾರಣೆಗೆ ನಿಮ್ ಮನೇಲಿ ಮಕ್ಕಳಿಲ್ವ?"

ಮೇಷ್ಟ್ರ ಮುಖ ಕಪ್ಪಿಟ್ಟಿತು. ದೊಡ್ಡಮಾದಮ್ಮ ಒಳಗೆ ನುಗ್ಗಿದಳು. ಮಗಳ ಹೆಸರು ಯಾವುದೆಂದು ಓದಲು ಬಾರದೆ, ಸೆರಗಿನಿಂದ ಇಡೀ ಬೋರ್ಡನ್ನೇ ಒರೆಸಿಬಿಟ್ಟಳು.

ಆ ವರ್ಷ ಮೇಷ್ಟ್ರ ಅಣ್ಣತಮ್ಮಂದಿರ ಹೊಲದಲ್ಲಿ ಅವಳಿಗೆ ಕೂಲಿ ಸಿಗಲಿಲ್ಲ. ತಪ್ಪಾಯಿತು ಅನ್ನಲಿ, ಕರೆಯುತ್ತೇವೆ ಎಂದು ಹೇಳಿಕಳಿಸಿದರು. ಅವಳು ಗುಂಡ್ಲುಪೇಟೆ ಕಡೆಗೆ ಈರುಳ್ಳಿ ಕೀಳಲು ಹೋದಳು.

*

"ತಗ್ಗಿ ಬಗ್ಗಿ ನಡೆದ ಜೀವ," ಎನ್ನುತ್ತಿದ್ದರು ಮೇಷ್ಟ್ರು.

"ಸುಳ್ಳು," ಎಂದಳು ಕುಮಾರಿ.

ತಮ್ಮ ರವಿಕುಮಾರ ತೋಳು ಹಿಡಿದ. "ಬುಡಕ್ಕ. ಎಣ ಮುಂದಿಟ್ಕಂಡು ಬ್ಯಾಡ."

"ಮುಂದಿಟ್ಕಂಡೇ ಮಾತಾಡ್ಬೇಕು ಕಣೋ. ಮಣ್ಣಿಗಾಕಿದ್ ಮೇಲೆ ಇವರು ಏಳಿದ್ದೇ ನಿಜ ಆಯ್ತದೆ." ಎದ್ದು ನಿಂತಳು. "ಮೇಷ್ಟ್ರೇ, ಅವತ್ತು ನನ್ ಎಸರಲ್ಲಿ ಒಂದು ವಾಕ್ಯ ಮಾಡುದ್ರಿ. ಒರಸಕೆ ನಮ್ಮವ್ವ ಬಂದ್ಲು. ನಿಮಗೇ ಎದುರು ಮಾತಾಡುದ್ಲು. ನಿಮಗೆ ಮರ್ತೋಯ್ತಾ?"

"ಅದೆಲ್ಲ ಹಳೇದು ಬಿಡಮ್ಮ. ನಾನು ಒಳ್ಳೇದನ್ನೇ ಹೇಳಿದ್ದು."

"ನಿಮಗೆ ಒಳ್ಳೇದು."

ಅವ್ವನ ಜೊತೆ ಕಳೆ ಕಿತ್ತು ಮುದುಕಿಯಾದ ಚಿಕ್ಕಮಲ್ಲಮ್ಮ ಎದೆ ಬಡಿದುಕೊಂಡು ದನಿ ತೆಗೆದಳು. "ಜಗಳಗಂಟಿ ನನ್ನವ್ವ... ಕುಡಿಯೋ ನೀರಿಗೆ ಕೂಲಿ ಮೇಸ್ತ್ರಿ ಮೇಲೆ ಬಿದ್ದೋಳೇ... ನಿಲ್ಲುಸ್ದೆ ಓದ ಬಸ್ಸಿಗೆ ಕಲ್ಲೊಗ್ದೋಳೇ... ನಮ್ ಪರವಾಗಿ ಇನ್ನು ಯಾರವ್ವ ಕೂಗಾಡೋರು..."

ಮತ್ತೊಬ್ಬಳು ದನಿಗೂಡಿಸಿದಳು, ಇನ್ನೊಬ್ಬಳು. ಯಾರ ಅಪ್ಪಣೆಗೂ ಕಾಯದೆ ತಮಟೆ ಎದ್ದಿತು, ಚಟ್ಟ ಎದ್ದಿತು. ಮೇಷ್ಟ್ರು ಬೀದಿಯ ನಡುವೆ, ಎರಡನೆಯ ಮಾತು ಬಾಯಲ್ಲೇ ಉಳಿದು, ನಿಂತೇ ಇದ್ದರು. ಅವರ ಎರಡೂ ಪಕ್ಕದಿಂದ ಹೆಂಗಸರು ದೊಡ್ಡಮಾದಮ್ಮನ ಜಗಳಗಳನ್ನು ಒಂದೊಂದಾಗಿ ಕೂಗುತ್ತ ಚಟ್ಟದ ಹಿಂದೆ ಹರಿದು ಹೋದರು.