ಟಿಕಳಿಯ ಕೆಳಗಿನ ಕೆಂಪು ದೀಪ

ನಾನು ಒಂದು ಸ್ವಿಚ್ಚು. ಗೋಡೆಯ ಮೇಲಿನ ಸ್ವಿಚ್ಚಿನ ಹಾಗೆ ನನ್ನನ್ನು ಯಾರ ಬೆರಳೂ ಒತ್ತುವುದಿಲ್ಲ, ಎಣ್ಣೆ ಒತ್ತುತ್ತದೆ. ಕಾರಿನ ಇಂಜಿನ್ನಿನ ಪಕ್ಕೆಯಲ್ಲಿ, ಆಯಿಲ್ ಫಿಲ್ಟರಿನ ಹತ್ತಿರ, ಹೆಬ್ಬೆರಳು ಗಾತ್ರದ ಹಿತ್ತಾಳೆಯ ತುಂಡೊಂದು ಕೂತಿರುತ್ತದಲ್ಲ, ಅದು ನಾನು. ಗ್ಯಾರೇಜಿನವರು ಆಯಿಲ್ ಸ್ವಿಚ್ ಎನ್ನುತ್ತಾರೆ. ಸಿಟ್ಟು ಬಂದಾಗ ಕರೆಯುವ ಬೇರೆ ಹೆಸರುಗಳೂ ಇವೆ, ಅವು ಇಲ್ಲಿ ಬೇಡ.

ನಾನು ಹುಟ್ಟಿದ್ದು ದೊಡ್ಡ ಕಾರ್ಖಾನೆಯೊಂದರ ಸಣ್ಣ ಮೂಲೆಯಲ್ಲಿ. ಹಿತ್ತಾಳೆಯ ಸರಳನ್ನು ತುಂಡರಿಸಿ, ಮೈಮೇಲೆ ತಿರುಪಿನ ಗೆರೆ ಕೊರೆದು, ಹೊಟ್ಟೆಯೊಳಗೆ ತೆಳ್ಳನೆಯ ಪೊರೆಯೊಂದನ್ನು ಕೂರಿಸಿ, ಅದರ ಬೆನ್ನಿಗೆ ಸ್ಪ್ರಿಂಗ್ ಇಟ್ಟರು. ತಲೆಗೆ ಒಂದೇ ಒಂದು ತಂತಿ. ಕೀಲಿ ತಿರುಗಿಸಿದಾಗ ಇಂಜಿನ್ ಇನ್ನೂ ಮಲಗಿರುತ್ತದೆ, ಎಣ್ಣೆ ಓಡುತ್ತಿರುವುದಿಲ್ಲ. ಆಗ ಡ್ರೈವರಿನ ಎದುರಿನ ಕೆಂಪು ದೀಪ ಹತ್ತಿಸುತ್ತೇನೆ. ಇಂಜಿನ್ ಎದ್ದ ಕೂಡಲೇ ಪಂಪು ತಳದ ತೊಟ್ಟಿಯಿಂದ ಎಣ್ಣೆ ಹೀರಿ ಎಲ್ಲ ಕಡೆಗೂ ತಳ್ಳುತ್ತದೆ, ಆ ಒತ್ತಡಕ್ಕೆ ನನ್ನ ಪೊರೆ ಹಿಂದೆ ಸರಿಯುತ್ತದೆ, ನಾನು ದೀಪ ಆರಿಸಿ ಬಾಯಿ ಮುಚ್ಚಿಕೊಳ್ಳುತ್ತೇನೆ. ಓಡುವ ಗಾಡಿಯಲ್ಲಿ ನಾನು ಬಾಯಿ ತೆರೆದರೆ ಎಣ್ಣೆಯ ಒತ್ತಡ ಬಿದ್ದಿದೆ ಎಂದು ಅರ್ಥ. ಇಷ್ಟೇ ನನ್ನ ನೌಕರಿ.

ಈ ನೌಕರಿಯಲ್ಲಿ ಒಳ್ಳೆಯ ಹೆಸರು ಬಂದವರಿಲ್ಲ. ಸುಮ್ಮನಿದ್ದಷ್ಟು ದಿನ ನಾನಿರುವುದೇ ಯಾರಿಗೂ ಗೊತ್ತಿರುವುದಿಲ್ಲ. ಮಾತಾಡಿದ ದಿನ ಮೊದಲ ಅನುಮಾನ ನನ್ನ ಮೇಲೆಯೇ.

ನನ್ನನ್ನು ಕೂರಿಸಿದ್ದು ಒಂದು ಡೀಸೆಲ್ ಕಾರಿಗೆ. ಪಕ್ಕದಲ್ಲೇ ಟರ್ಬೊ ಇತ್ತು. ಇಂಜಿನ್ ಉಗುಳುವ ಬಿಸಿ ಹೊಗೆಯ ರಭಸಕ್ಕೆ ಹುಚ್ಚು ಹಿಡಿದಂತೆ ತಿರುಗಿ, ಇಂಜಿನ್ನಿನೊಳಕ್ಕೆ ಗಾಳಿ ತುರುಕುವುದು ಅದರ ಕೆಲಸ. ಗಾಡಿಗೆ ಜೋರು ಬರುವುದು ಅದರಿಂದಲೇ. ಆದರೆ ಆ ಜಂಬಗಾರನ ತಿರುಗುವ ಸಣ್ಣ ದಂಡಕ್ಕೆ ಎಣ್ಣೆಯ ಆಸರೆ ಒಂದು ಗಳಿಗೆ ತಪ್ಪಿದರೂ ಕತೆ ಮುಗಿಯಿತು.

ಮೊದಲ ಮಾಲೀಕರು ಹುಬ್ಬಳ್ಳಿಯ ಕಂತ್ರಾಟುದಾರ ಇಟಗಿ ಸಾಹುಕಾರರು. ಒಂದು ಕಟ್ಟಡದಿಂದ ಇನ್ನೊಂದಕ್ಕೆ ಗಾಡಿಯನ್ನು ಹಾರಿಸಿಕೊಂಡು ಬಂದು, ನಿಲ್ಲಿಸಿದ ಕ್ಷಣವೇ ಕೀಲಿ ಕಿತ್ತುಕೊಂಡು ಇಳಿದುಬಿಡುತ್ತಿದ್ದರು. ಟರ್ಬೊ ಕೆಂಪಗೆ ಕಾದಿರುವಾಗ ಪಂಪು ನಿಂತರೆ ಅದರೊಳಗೆ ಉಳಿದ ಎಣ್ಣೆ ಅಲ್ಲೇ ಸೀದು ಕರಿಯಾಗುತ್ತದೆ. ಇಳಿಯುವ ಮೊದಲು ಇಂಜಿನ್ನನ್ನು ತುಸು ಹೊತ್ತು ಸುಮ್ಮನೆ ಓಡಲು ಬಿಟ್ಟಿದ್ದರೆ ಸಾಕಿತ್ತು. ಅವರಿಗೆ ಅಷ್ಟು ಪುರುಸೊತ್ತೆಲ್ಲಿ? ಎಣ್ಣೆ ಬದಲಿಸುವುದನ್ನೂ ಮುಂದೂಡುತ್ತಲೇ ಹೋದರು. ಸೀದ ಕರಿ ಚೂರುಚೂರಾಗಿ ತೊಟ್ಟಿಗೆ ಇಳಿಯುತ್ತಿತ್ತು. ನನ್ನವರೆಗೆ ಬರುವ ಎಣ್ಣೆ ವರ್ಷದಿಂದ ವರ್ಷಕ್ಕೆ ಕೊಳೆಯಾಗುತ್ತಿದ್ದುದು ನನಗೆ ತಿಳಿಯುತ್ತಿತ್ತು. ಆದರೆ ನನಗೆ ಕೊಟ್ಟದ್ದು ಒತ್ತಡ ನೋಡುವ ಕೆಲಸ, ಕೊಳೆ ನೋಡುವುದಲ್ಲ. ಒತ್ತಡ ಇತ್ತು, ಸುಮ್ಮನಿದ್ದೆ. ಸಾಹುಕಾರರು ಹೊಸ ಕಾರು ಕೊಂಡರು, ನಮ್ಮನ್ನು ಮಾರಿದರು.

ಕೊಂಡವನು ಅಣ್ಣಿಗೇರಿಯ ಹಾಲಪ್ಪ. ಬಾಡಿಗೆಗೆ ಗಾಡಿ ಓಡಿಸುವವನು. ಆದರೆ ಮಂಗಳವಾರ ಮತ್ತು ಶುಕ್ರವಾರ ಯಾರು ಕರೆದರೂ ಬಾಡಿಗೆಗೆ ಹೋಗುತ್ತಿರಲಿಲ್ಲ. ಆ ಎರಡು ದಿನ ಅವನ ಅಕ್ಕ ಚಂಪವ್ವನನ್ನು ಹುಬ್ಬಳ್ಳಿಯ ಆಸ್ಪತ್ರೆಗೆ ಕರೆದೊಯ್ಯಬೇಕು. ಅವಳ ಎರಡೂ ಕಿಡ್ನಿ ಕೈಕೊಟ್ಟಿದ್ದವು. ವಾರಕ್ಕೆರಡು ಸಲ ಮಷೀನಿನಲ್ಲಿ ರಕ್ತ ಸೋಸಿದರೆ ಮಾತ್ರ ಜೀವ. ತಾಯಿ ತೀರಿದ ಮೇಲೆ ಹಾಲಪ್ಪನನ್ನು ಸೊಂಟದ ಮೇಲೆ ಹೊತ್ತು ಬೆಳೆಸಿದವಳು ಅವಳು. ಡಯಾಲಿಸಿಸ್ ಮುಗಿಸಿಕೊಂಡು ಬಸ್ಸಿನಲ್ಲಿ ನಿಂತು ಬರುವಾಗ ಒಮ್ಮೆ ಕುಸಿದು ಬಿದ್ದಳಂತೆ. ಆ ಮೇಲೆಯೇ ಹಾಲಪ್ಪ ಈ ಕಾರು ತಂದದ್ದು.

ಚಂಪವ್ವ ಮುಂದಿನ ಸೀಟಿನಲ್ಲೇ ಕೂರುತ್ತಿದ್ದಳು. ಹಣೆಯ ಮೇಲೆ ಮಖಮಲ್ಲಿನ ದೊಡ್ಡ ಟಿಕಳಿ. ಬರುವಾಗ ಸುಸ್ತಾಗಿ ಬೆವರುತ್ತಿದ್ದುದರಿಂದ ಅದನ್ನು ತೆಗೆದು, ನೆತ್ತಿಯ ಮೇಲೆ ಮಡಚಿಡುವ ಬಿಸಿಲುತಡೆಯ ಕನ್ನಡಿಗೆ ಅಂಟಿಸುತ್ತಿದ್ದಳು. ಹೆಂಗಸರು ಬಚ್ಚಲಮನೆಯ ಕನ್ನಡಿಗೆ ಅಂಟಿಸುತ್ತಾರಲ್ಲ, ಹಾಗೆಯೇ. ಆ ಕನ್ನಡಿಯಲ್ಲಿ ಯಾವಾಗಲೂ ನಾಲ್ಕಾರು ಟಿಕಳಿಗಳಿರುತ್ತಿದ್ದವು.

ನಾನು ಮೊದಲ ಸಲ ಬಾಯಿ ತೆರೆದದ್ದು ಹುಬ್ಬಳ್ಳಿಯ ಒಂದು ಸಿಗ್ನಲ್ಲಿನಲ್ಲಿ. ದೂರ ಓಡಿ ಬಂದ ಇಂಜಿನ್ ಕಾದಿತ್ತು, ಎಣ್ಣೆ ತೆಳುವಾಗಿತ್ತು, ಗಾಡಿ ನಿಂತು ಪಂಪು ನಿಧಾನವಾಗಿತ್ತು. ನನ್ನ ಪೊರೆಯ ಮೇಲಿನ ಒತ್ತಡ ಇದ್ದಕ್ಕಿದ್ದಂತೆ ಸಡಿಲವಾಯಿತು. ದೀಪ ಹತ್ತಿಸಿದೆ.

“ಹಾಲ್ಯಾ, ಇದೇನೋ ಕೆಂಪ ದೀಪ ಹತ್ತೇತಿ?” ಎಂದಳು ಚಂಪವ್ವ.

“ಏನಿಲ್ಲಕ್ಕಾ. ಹಳೇ ಗಾಡಿ, ಹಿಂಗ ಆಟ ಆಡ್ತಾವು.”

ಆದರೂ ಆಸ್ಪತ್ರೆಯ ಮುಂದೆ ನಿಲ್ಲಿಸಿ ಬಾನೆಟ್ ಎತ್ತಿ ಎಣ್ಣೆಯ ಕಡ್ಡಿ ಎಳೆದು ನೋಡಿದ. ಎಣ್ಣೆ ಮೇಲಿನ ಗೆರೆಯವರೆಗೂ ಇತ್ತು. ನಿರುಮ್ಮಳನಾದ. ಎಲ್ಲರೂ ಎಡವುವುದು ಇಲ್ಲಿಯೇ. ತೊಟ್ಟಿಯಲ್ಲಿ ಎಣ್ಣೆ ಇರುವುದು ಬೇರೆ, ಅದು ಮೇಲಕ್ಕೆ ಬಂದು ತಲುಪುವುದು ಬೇರೆ. ಇದನ್ನು ಹೇಳಲು ನನಗಿದ್ದದ್ದು ಒಂದೇ ದೀಪ, ಅದನ್ನಾಗಲೇ ಹತ್ತಿಸಿಯಾಗಿತ್ತು.

ಅಣ್ಣಿಗೇರಿಯ ಖಾದರ ಮಿಸ್ತ್ರಿಯ ಗ್ಯಾರೇಜಿಗೆ ಹೋದೆವು. ಸುಗ್ಗಿಯ ದಿನಗಳು, ಮುಂದೆ ಟ್ರ್ಯಾಕ್ಟರುಗಳು ಸಾಲುಗಟ್ಟಿದ್ದವು. ನನ್ನನ್ನು ಬಿಚ್ಚಿ, ಆ ತೂತಿಗೆ ಒತ್ತಡ ಅಳೆಯುವ ಗೇಜನ್ನು ಹಾಕಿ ನೋಡಿದ್ದರೆ ಅಂದೇ ಎಲ್ಲ ತಿಳಿಯುತ್ತಿತ್ತು. ಗೇಜು ಕಪಾಟಿನಲ್ಲೇ ಇತ್ತು. ಮಿಸ್ತ್ರಿ ಕಡ್ಡಿ ಎಳೆದು ನೋಡಿದ, ಇಂಜಿನ್ನಿಗೆ ಕಿವಿಗೊಟ್ಟ, ತೀರ್ಪು ಕೊಟ್ಟ.

“ಎಣ್ಣಿ ಬರೋಬ್ಬರಿ ಐತಿ, ಆವಾಜೂ ಚಲೋ ಐತಿ. ಸ್ವಿಚ್ ಹೋಗೇತಿ, ಹಾಲಪ್ಪಣ್ಣ. ಇವು ಹಿಂಗ ಸುಳ್ಳ ಒದರತಾವು.”

ನನ್ನ ಜಾಗಕ್ಕೆ ಹೊಸಬನೊಬ್ಬ ಬಂದ. ನನ್ನನ್ನು ಮೂಲೆಯ ಡಬ್ಬಿಗೆ ಎಸೆಯುವುದರಲ್ಲಿದ್ದರು. ಆದರೆ ನಮ್ಮ ಕಡೆಯ ಗಿರಾಕಿಗಳಿಗೊಂದು ರೂಢಿಯಿದೆ. ಹಳೇ ಸಾಮಾನನ್ನು ಕೈಗೆ ಇಸಿದುಕೊಳ್ಳದೆ ಗ್ಯಾರೇಜು ಬಿಡುವುದಿಲ್ಲ. ಹೊಸದನ್ನು ನಿಜವಾಗಿಯೂ ಹಾಕಿದ್ದಾರೆ ಎನ್ನುವುದಕ್ಕೆ ಅದೇ ಸಾಕ್ಷಿ. ಹಾಲಪ್ಪ ನನ್ನನ್ನು ಒರೆಸಿ ತಂದು ಗೇರಿನ ಪಕ್ಕದ ಗುಂಡಿಯಲ್ಲಿ ಹಾಕಿದ, ಚಿಲ್ಲರೆ ಮತ್ತು ಅಡಿಕೆಚೂರಿನ ಜೊತೆಗೆ. ಅಷ್ಟು ವರ್ಷ ಬಾನೆಟ್ಟಿನ ಕತ್ತಲಲ್ಲಿ ದುಡಿದವನು ನಾನು. ಯಾರಿಗಾಗಿ ದೀಪ ಹತ್ತಿಸುತ್ತಿದ್ದೆನೋ ಅವರ ಮುಖ ನೋಡಿದ್ದು ಕೆಲಸ ಹೋದ ಮೇಲೆಯೇ. ಚಂಪವ್ವನ ಮುಖ ಬಾತುಕೊಂಡಿತ್ತು, ಕಣ್ಣು ಮಾತ್ರ ಬಲು ಚುರುಕು.

ಹೊಸಬ ಪ್ರಾಮಾಣಿಕ. ಕೆಲವೇ ದಿನಗಳಲ್ಲಿ ಅವನೂ ದೀಪ ಹತ್ತಿಸಿದ. ಈ ಸಲ ಖಾದರ ಮಿಸ್ತ್ರಿ, “ಎಣ್ಣಿ ತೆಳ್ಳಗ ಆಗೇತಿ, ದಪ್ಪಂದು ಹಾಕೂಣು” ಎಂದು ಟ್ರ್ಯಾಕ್ಟರಿಗೆ ಹಾಕುವ ದಪ್ಪ ಎಣ್ಣೆ ಸುರಿದ. ಅದು ಜ್ವರ ಬಂದವನಿಗೆ ಕಂಬಳಿ ಹೊದಿಸಿದ ಹಾಗೆ. ಸ್ವಲ್ಪ ದಿನ ದೀಪ ಅಡಗಿತು. ಬೆಳಗಿನ ತಣ್ಣಗಿನ ಇಂಜಿನ್ನಿನಲ್ಲಿ ಆ ಗಟ್ಟಿ ಎಣ್ಣೆ ಟರ್ಬೊದವರೆಗೆ ಏರಿ ಬರಲು ಇನ್ನಷ್ಟು ತಡವಾಗುತ್ತಿತ್ತು. ಜಂಬಗಾರ ಒಣಗಂಟಲಲ್ಲಿ ತಿರುಗುತ್ತಿದ್ದ. ಆಮೇಲೆ ದೀಪ ಮತ್ತೆ ಬಂತು.

ಚಂಪವ್ವನ ಕಣ್ಣು ಈಗ ರಸ್ತೆಯ ಮೇಲಿರುತ್ತಿರಲಿಲ್ಲ, ದೀಪದ ಮೇಲಿರುತ್ತಿತ್ತು.

“ನನ್ನ ಸಂಬಂಧ ನಿನ್ನ ಗಾಡಿ ಹಾಳಾಗಾಕತ್ತೇತಿ” ಎಂದಳು ಒಂದು ದಿನ. “ಈ ಶುಕ್ರವಾರ ಬ್ಯಾಡ ಬಿಡು. ಮೈ ಹಗೂರ ಐತಿ.”

ಮೈ ಹಗುರವಿರಲಿಲ್ಲ. ಪಾದಗಳು ಚಪ್ಪಲಿಯೊಳಗೆ ಹಿಡಿಸುತ್ತಿರಲಿಲ್ಲ. ಆದರೂ ಹಟ ಹಿಡಿದು ಶುಕ್ರವಾರ ತಪ್ಪಿಸಿದಳು. ಮಂಗಳವಾರ ಹಾಲಪ್ಪ ಅವಳನ್ನು ಎತ್ತಿಕೊಂಡೇ ಕಾರಿಗೆ ತರಬೇಕಾಯಿತು. ದಾರಿಯುದ್ದಕ್ಕೂ ಅವಳ ಉಸಿರು ಗೊರಗೊರ ಎನ್ನುತ್ತಿತ್ತು. ಆಸ್ಪತ್ರೆಯ ಬಾಗಿಲಲ್ಲಿ ಗಾಲಿಕುರ್ಚಿ ತಂದ ಸಿಸ್ಟರು, “ಒಂದ ಪಾಳಿ ತಪ್ಪಿಸಿದ್ರೂ ಜೀವಕ್ಕ ಕುತ್ತ ಐತ್ರಿ ಅಣ್ಣಾರ, ಇನ್ನೊಮ್ಮೆ ಹಿಂಗ ಮಾಡಬ್ಯಾಡ್ರಿ” ಎಂದು ಗದರಿಸಿದಳು.

ಅಕ್ಕನನ್ನು ಒಳಗೆ ಬಿಟ್ಟು ಬಂದ ಹಾಲಪ್ಪ ಸ್ಟೇರಿಂಗಿಗೆ ಹಣೆ ಇಟ್ಟು ಕೂತ. ಅತ್ತನೋ ಏನೋ, ನನಗೆ ಕಂಡದ್ದು ಅವನ ಭುಜ ಮಾತ್ರ. ಆಮೇಲೆ ತಲೆ ಎತ್ತಿದ. ಬಿಸಿಲುತಡೆ ಇಳಿಸಿದ. ಕನ್ನಡಿಯಿಂದ ಒಂದು ಕಪ್ಪು ಟಿಕಳಿ ಕಿತ್ತು, ಆ ಕೆಂಪು ದೀಪ ಹತ್ತುವ ಜಾಗಕ್ಕೆ ಸರಿಯಾಗಿ, ಮೀಟರಿನ ಕಪ್ಪು ಗಾಜಿನ ಮೇಲೆ ಅಂಟಿಸಿದ. ಹೆಬ್ಬೆರಳಿನಿಂದ ಒತ್ತಿ ಒತ್ತಿ ಕೂರಿಸಿದ.

ಗಾಡಿ ಕೆಡುವುದನ್ನು ಅವನು ಬಯಸಿದ್ದನೇ? ಅಕ್ಕ ಹೆದರಿ ಬರುವುದನ್ನು ನಿಲ್ಲಿಸಬಾರದು, ಅಷ್ಟೇ ಅವನ ತಲೆಯಲ್ಲಿದ್ದದ್ದು. ಮೋಸಗಾರರನ್ನು ಬಯ್ಯಬಹುದು. ಇಂಥವನಿಗೆ ಏನೆನ್ನುವುದು? ನನಗಂತೂ ಬಯ್ಯುವ ಶಕ್ತಿಯೂ ಉಳಿದಿರಲಿಲ್ಲ. ಗುಂಡಿಯಲ್ಲಿ ಬಿದ್ದುಕೊಂಡು ಆ ಟಿಕಳಿ ನೋಡುತ್ತಿದ್ದೆ. ಅದರ ಹಿಂದೆ ಹೊಸಬ ದೀಪ ಹತ್ತಿಸುವುದು, ಆರಿಸುವುದು, ಮತ್ತೆ ಹತ್ತಿಸುವುದು. ಟಿಕಳಿಯ ಅಂಚಿನಲ್ಲಿ ಒಂದು ಕೂದಲೆಳೆಯಷ್ಟು ಕೆಂಪು ಇಣುಕಿದರೆ ಅದೇ ಹೆಚ್ಚು.

“ದೀಪ ಹತ್ತವಲ್ಲದು ಈಗ” ಎಂದಳು ಚಂಪವ್ವ.

“ರಿಪೇರಿ ಆತಕ್ಕಾ” ಎಂದ ಹಾಲಪ್ಪ. ಅವಳು ನಂಬಿದಳು. ಒಂದು ಪಾಳಿಯೂ ತಪ್ಪಿಸಲಿಲ್ಲ.

ಒಂದು ಶುಕ್ರವಾರ ನಲವಡಿ ದಾಟಿ ಹುಬ್ಬಳ್ಳಿಯ ಕಡೆಗೆ ಓಡುತ್ತಿದ್ದೆವು. ಟರ್ಬೊದ ಸಿಳ್ಳೆ ಅಂದು ಎಂದಿನಂತಿರಲಿಲ್ಲ, ತೆಳ್ಳಗೆ ಕೀರಲಾಗಿ ಅಳುತ್ತಿತ್ತು. ಚಂಪವ್ವ ಟಿಕಳಿ ಇಟ್ಟುಕೊಳ್ಳಲು ಬಿಸಿಲುತಡೆ ಇಳಿಸಿದಳು. ಕನ್ನಡಿಯಲ್ಲಿ ಹಣೆ ನೋಡಿಕೊಂಡು, ಅದನ್ನು ಮಡಚುವಾಗ ಅವಳ ಕಣ್ಣು ಹಾಲಪ್ಪನ ಎದುರಿನ ಗಾಜಿನ ಮೇಲೆ ನಿಂತಿತು.

“ಅಲ್ಲೋ ಹಾಲ್ಯಾ, ನನ್ನ ಟಿಕಳಿ ಅಲ್ಲ್ಯಾಕ ಹೋತು?”

ಅವಳು ಬಾಗಿ ಉಗುರಿನಿಂದ ಅದನ್ನು ಎಬ್ಬಿಸಿದಳು. ಅಡಿಯಲ್ಲಿ ದೀಪ ನಿಗಿನಿಗಿ ಉರಿಯುತ್ತಿತ್ತು.

“ಗಾಡಿ ಬಂದ್ ಮಾಡು.”

“ಅಕ್ಕಾ, ಹುಬ್ಬಳ್ಳಿ ಇನ್ನೇನ್ ಬಂತು. ನಿನ್ನ ಪಾಳಿ ತಪ್ಪತೈತಿ.”

“ಬಂದ್ ಮಾಡು ಅಂದ್ನಿ.”

ರಸ್ತೆಯ ಪಕ್ಕದ ಜಾಲಿಮರದ ಕೆಳಗೆ ಗಾಡಿ ನಿಂತಿತು. ಹಾಲಪ್ಪ ಕೀಲಿ ತಿರುಗಿಸಿ ಇಂಜಿನ್ ನಿಲ್ಲಿಸಿದ. ಎಷ್ಟೋ ತಿಂಗಳಿಂದ ನಾವೆಲ್ಲ ಬೇಡಿಕೊಂಡಿದ್ದು ಅದನ್ನೇ.

“ನೀ ಹೆದರತಿ, ಬರೂದ ಬಿಡತಿ ಅಂತ...” ಎಂದ ಹಾಲಪ್ಪ.

“ದವಾಖಾನ್ಯಾಗ ನನ್ನ ಮಷೀನ್ ಕುಂಯ್ ಅಂತ ಒದರತೈತಿ. ಆವಾಗ ಸಿಸ್ಟರ್ ಅದರ ಬಾಯಿಗೆ ಅರಿವಿ ತುರುಕತಾಳೇನು? ಓಡಿ ಬಂದು ನಳಿಗಿ ಹಿಡದು ನೋಡ್ತಾಳ. ಎಲ್ಲಿ ಮಡಚೇತಿ, ಎಲ್ಲಿ ರಕ್ತ ಗಟ್ಟಿ ಆಗಿ ಕುಂತೇತಿ ಅಂತ ನೋಡ್ತಾಳ. ನಿನ್ನ ಗಾಡ್ಯಾಗೂ ಎಲ್ಲೋ ಕಟಗೊಂಡೇತಿ. ಅದನ್ನ ಹುಡುಕ್ಸು ಹೋಗು.” ಸ್ವಲ್ಪ ಸುಧಾರಿಸಿಕೊಂಡು ಮತ್ತೆ ಹೇಳಿದಳು. “ಹೆದರಬೇಕಾದ್ದಕ್ಕ ಹೆದರಬೇಕೋ ತಮ್ಮಾ. ಇಲ್ಲಂದ್ರ ನಾ ಇಲ್ಲೀತನಕ ಉಳೀತಿದ್ನೇನು?”

ಕಿತ್ತ ಟಿಕಳಿ ಇನ್ನೂ ಅವಳ ಬೆರಳಿಗೆ ಅಂಟಿಕೊಂಡಿತ್ತು. ಎಲ್ಲಿ ಇಡಬೇಕೆಂದು ತೋಚದೆ ಅತ್ತಿತ್ತ ನೋಡಿ, ಗುಂಡಿಯಿಂದ ನನ್ನನ್ನು ಎತ್ತಿಕೊಂಡಳು.

“ಸುಳ್ಳ ಒದರತೈತಿ ಅಂತ ತಗಿಸಿದ್ದು ಇದನ್ನ ಅಲ್ಲ?” ಎಂದಳು. “ಪಾಪ, ಇದರದೇನು ತಪ್ಪಿತ್ತು?” ಎಂದು ಟಿಕಳಿಯನ್ನು ನನ್ನ ಹಿತ್ತಾಳೆಯ ಮೈಗೆ ಅಂಟಿಸಿದಳು. ನನ್ನ ಬದುಕಿನಲ್ಲಿ ಯಾರಾದರೂ ನನ್ನ ಪರ ಮಾತಾಡಿದ್ದು ಅದೊಂದೇ ಸಲ.

ಬಸ್ಸು ಬಂತು. ಹಾಲಪ್ಪ ಕೈ ಅಡ್ಡ ಹಿಡಿದು ನಿಲ್ಲಿಸಿದ. “ಸಂಜಿಗೆ ಕರಕೊಂಡ ಹೋಗಾಕ ಬಾ, ಅಷ್ಟ ಸಾಕು” ಎಂದು ಹೇಳಿ ಅವಳೊಬ್ಬಳೇ ಹತ್ತಿದಳು. ಬಸ್ಸು ಕಣ್ಮರೆಯಾಗುವ ತನಕ ಅವನು ರಸ್ತೆಯ ನಡುವೆಯೇ ನಿಂತಿದ್ದ.

ಟ್ರ್ಯಾಕ್ಟರಿಗೆ ಹಗ್ಗ ಕಟ್ಟಿ ನಮ್ಮನ್ನು ಅಣ್ಣಿಗೇರಿಗೆ ಎಳೆದು ತಂದರು. ಹಾಲಪ್ಪ ಅಕ್ಕ ಹೇಳಿದ್ದನ್ನು ಹಾಗೆಯೇ ಮಿಸ್ತ್ರಿಗೆ ಒಪ್ಪಿಸಿದ. ಖಾದರ ಮಿಸ್ತ್ರಿ ಕಪಾಟು ತೆರೆದು ಗೇಜು ತೆಗೆದ, ದೂಳು ಊದಿದ, ಸ್ವಿಚ್ಚಿನ ಜಾಗಕ್ಕೆ ಬಿಗಿದು ಇಂಜಿನ್ನನ್ನು ಒಂದು ಗಳಿಗೆ ಎಬ್ಬಿಸಿದ. ಗೇಜಿನ ಮುಳ್ಳು ಮಲಗಿದಲ್ಲಿಂದ ಅಲುಗಿತು ಅಷ್ಟೇ, ಏಳಲಿಲ್ಲ. ತಕ್ಷಣ ನಿಲ್ಲಿಸಿದ.

“ಸ್ವಿಚ್ಚು ಎರಡೂ ಖರೇ ಹೇಳ್ಯಾವು. ನಂದ ತಪ್ಪಾತು, ಹಾಲಪ್ಪಣ್ಣ” ಎಂದ.

ತಳದ ತೊಟ್ಟಿ ಬಿಚ್ಚಿದರು. ಪಂಪು ಎಣ್ಣೆ ಹೀರುವ ಕೊಳವೆಯ ಬಾಯಿಗೆ ಒಂದು ಜಾಲರಿ ಇರುತ್ತದೆ. ಅದರ ಕಣ್ಣುಗಳೆಲ್ಲ ಚಹಾ ಸೋಸುವ ಜಾಳಿಗೆಯಲ್ಲಿ ಪುಡಿ ಕಟ್ಟಿದಂತೆ ಕಟ್ಟಿಕೊಂಡಿದ್ದವು. ಇಟಗಿ ಸಾಹುಕಾರರ ಅವಸರವೆಲ್ಲ ಕರಿಯಾಗಿ ಅಲ್ಲಿ ಕೂತಿತ್ತು. ತೊಟ್ಟಿಯ ತುಂಬ ಎಣ್ಣೆ, ಪಂಪಿಗೆ ಮಾತ್ರ ಉಪವಾಸ. ಜಾಲರಿ ತೊಳೆದರು, ಟರ್ಬೊಗೆ ಹೋಗುವ ಎಣ್ಣೆಯ ಸಣ್ಣ ಕೊಳವೆ ಶುಚಿ ಮಾಡಿದರು, ಈ ಇಂಜಿನ್ನಿಗೆ ಹೇಳಿದ ಎಣ್ಣೆಯನ್ನೇ ಹಾಕಿದರು. ಜಂಬಗಾರ ಉಳಿಯಲಿಲ್ಲ, ಅವನ ದಂಡ ಸವೆದು ಅಲ್ಲಾಡುತ್ತಿತ್ತು. ಬೇರೆ ಟರ್ಬೊ ಬಂತು. ಇಂಜಿನ್ ಉಳಿಯಿತು. ಇನ್ನೊಂದಷ್ಟು ದೂರ ಹೋಗಿದ್ದರೆ ಅದೂ ಬಿಗಿದು ಹಿಡಿದುಕೊಂಡು ನಿಂತುಬಿಡುತ್ತಿತ್ತು ಎಂದ ಮಿಸ್ತ್ರಿ.

ಅಂದು ಸಂಜೆ ಹಾಲಪ್ಪ ಗೆಳೆಯನ ಗಾಡಿ ತೆಗೆದುಕೊಂಡು ಹೋಗಿ ಅಕ್ಕನನ್ನು ಕರೆತಂದಿದ್ದ. ಬಸ್ಸಿನಲ್ಲಿ ಹೋಗಿ ತಡವಾದರೂ ಅವಳ ಪಾಳಿ ಸಿಕ್ಕಿತ್ತು.

ನನಗೆ ಕೆಲಸ ವಾಪಸ್ ಸಿಗಲಿಲ್ಲ. ನಿರಪರಾಧಿ ಎಂದು ಗೊತ್ತಾಯಿತು ನಿಜ, ಆದರೆ ಹೊಸಬ ಚೆನ್ನಾಗಿಯೇ ಇದ್ದ, ಅವನನ್ನು ಬಿಚ್ಚುವುದೇಕೆ? ಇರಲಿ. ಗುಂಡಿಯೇ ನನಗೆ ವಾಸವಾಯಿತು.

ಅಂದಿನಿಂದ ಚಂಪವ್ವ ಒಂದು ನೇಮ ಮಾಡಿದಳು. ಗಾಡಿ ಹತ್ತಿ ಕೂತ ಕೂಡಲೇ ಕೇಳುವಳು.

“ದೀಪ ಹತ್ತೇತೇನು?”

“ಹತ್ತೇತಿ.” ಇಂಜಿನ್ ಏಳುವುದು.

“ಆರೇತೇನು?”

“ಆರೇತಿ ಅಕ್ಕಾ.”

“ಹಂಗಾದ್ರ ನಡಿ.”

ಅವಳು ನಡಿ ಎನ್ನುವವರೆಗೆ ಹಾಲಪ್ಪ ಗೇರು ಮುಟ್ಟುತ್ತಿರಲಿಲ್ಲ. ಹೀಗೆಯೇ ವರ್ಷಗಳು ಓಡಿದವು, ಎಷ್ಟೋ ಮಂಗಳವಾರ, ಎಷ್ಟೋ ಶುಕ್ರವಾರ. ಗಾಡಿ ಮತ್ತೆ ಒಮ್ಮೆಯೂ ಕೈಕೊಡಲಿಲ್ಲ. ಕೊನೆಗೆ ಕೈಕೊಟ್ಟದ್ದು ಚಂಪವ್ವನ ಹೃದಯ. ಅದಕ್ಕೆ ದೀಪ ಇರಲಿಲ್ಲ.

ಆ ಕಾರು ಆಮೇಲೆ ಗುಜರಿಗೆ ಹೋಯಿತು, ಹೊಸಬನೂ ಅದರ ಜೊತೆಗೇ ಹೋದ. ಕೊಡುವ ದಿನ ಹಾಲಪ್ಪ ಕನ್ನಡಿಯ ಟಿಕಳಿಗಳನ್ನು ಮುಟ್ಟಲಿಲ್ಲ. ನನ್ನನ್ನು ಮಾತ್ರ ಜೇಬಿಗೆ ಹಾಕಿಕೊಂಡ. ಈಗ ಅವನ ಬೇರೆ ಗಾಡಿಯಲ್ಲಿ, ಅಂಥದೇ ಗುಂಡಿಯಲ್ಲಿ ಇದ್ದೇನೆ. ಮೈಮೇಲಿನ ಟಿಕಳಿಯ ಮಖಮಲ್ಲು ಸವೆದಿದೆ, ಗೋಂದು ಒಣಗಿದೆ, ಆದರೂ ಬಿದ್ದಿಲ್ಲ. ಎಣ್ಣೆಯ ಒತ್ತಡವಿಲ್ಲದ ಕಡೆ ದೀಪ ಹತ್ತಿಸುವುದು ನನ್ನ ಹುಟ್ಟುಗುಣ. ಇಲ್ಲಿ ನನ್ನನ್ನು ಒತ್ತುವ ಎಣ್ಣೆಯಿಲ್ಲ, ಆದ್ದರಿಂದ ಹಗಲೂ ಇರುಳೂ ಹತ್ತಿಸುತ್ತಲೇ ಇದ್ದೇನೆ. ತಂತಿಯಿಲ್ಲ, ಯಾರಿಗೂ ಕಾಣುವುದಿಲ್ಲ. ದಣಿವಾಗಿದೆ. ಆದರೂ ಬೆಳಗಾಗುವುದನ್ನು ಕಾಯುತ್ತೇನೆ.

ಬೆಳಿಗ್ಗೆ ಹಾಲಪ್ಪ ಬಂದು ಕೂರುತ್ತಾನೆ. ಕೀಲಿ ತಿರುಗಿಸಿ ದೀಪ ನೋಡುತ್ತಾನೆ.

“ಹತ್ತೇತಿ” ಎನ್ನುತ್ತಾನೆ. ಇಂಜಿನ್ ಏಳುತ್ತದೆ.

“ಆರೇತಿ ಅಕ್ಕಾ” ಎನ್ನುತ್ತಾನೆ, ಪಕ್ಕದ ಸೀಟಿನ ಕಡೆಗೆ.

ಆಮೇಲೆ ಗೇರು ಮುಟ್ಟದೆ ಸ್ವಲ್ಪ ಹೊತ್ತು ಕಾಯುತ್ತಾನೆ.