ಹಸಿರು ಮಖಮಲ್ಲು, ಬಿಳಿ ದಾರ

ಅರ್ಧ ಮುಖ, ಒಂದೇ ಕಣ್ಣು, ಮೂಗಿನ ನಡುವಿಗೇ ಕತ್ತರಿ ಬಿದ್ದಿದೆ, ಯಾವ ನಟಿಯೋ ಇವಳು, ಯಾವ ವರ್ಷದ ಕ್ಯಾಲೆಂಡರೋ, ಕಿವಿಯ ಕೆಳಗೆ ಆಗಸ್ಟಿನ ಭಾನುವಾರಗಳು ಇನ್ನೂ ಕೆಂಪಾಗಿಯೇ ಇವೆ — ಓನ್ ಚೀ ಆ ಚಿತ್ರ ಅಂಟಿಸಿದ ರಟ್ಟಿನ ಪುಸ್ತಕವನ್ನು ತೊಡೆಯ ಮೇಲಿಟ್ಟುಕೊಂಡು ಕೂತಿದ್ದಾಳೆ, ತೆರೆದಿಲ್ಲ, ಬೆರಳು ಮಾತ್ರ ಹೊಲಿಗೆಯ ಗಂಟಿನ ಮೇಲೆ ಓಡಾಡುತ್ತಿದೆ, ಅಂಟಿನ ವಾಸನೆ, ಇಲಿಯ ವಾಸನೆ, ಮಂಡಲೆಯ ಈ ಬಾಡಿಗೆ ಪುಸ್ತಕದಂಗಡಿಗೆ ಇಪ್ಪತ್ತೆಂಟು ವರ್ಷದಿಂದ ಕಾಲಿಡದೆ ಬೀದಿಯ ಆಚೆ ಬದಿಯಲ್ಲೇ ನಡೆದವಳು ಇವತ್ತು ಒಳಗೆ ಬಂದು ಮಣೆಯ ಮೇಲೆ ಕೂತಿದ್ದಾಳೆ, ತೆಗೀರಿ ಸಯಾಮ, ಕಚ್ಚಲ್ಲ ಅದು, ಎಂದು ಬರೆಯುವವಳಿಗೆ ಸಲ್ಲುವ ಗುರುವಮ್ಮನ ಮರ್ಯಾದೆ ಕೊಟ್ಟೇ ಅನ್ನುತ್ತಾಳೆ ಅಂಗಡಿಯ ದೋ ಥೇನ್, ಕೆನ್ನೆಯ ಮೇಲೆ ಒಣಗಿದ ಚಂದನದ ಲೇಪ ನಕ್ಕಾಗ ಬಿರುಕು ಬಿಡುತ್ತದೆ, ಅಂಗಡಿ ಮುಚ್ಚುತ್ತಿದ್ದೇನೆ, ಈಗ ಎಲ್ಲರೂ ಫೋನಿನಲ್ಲೇ ಓದುತ್ತಾರೆ, ಇದೊಂದನ್ನು ತೂಕಕ್ಕೆ ಹಾಕಲು ಮನಸ್ಸು ಬರಲಿಲ್ಲ ಎಂದು ಹೇಳಿ ಕಳಿಸಿದ್ದಳು. ದಪ್ಪ ಕಾದಂಬರಿ ಬಂದರೆ ನಡುವಿಗೆ ಸೀಳಿ ಎರಡು ಮಾಡಿ ರಟ್ಟು ಹಾಕಿ ಹೊಲಿಯುವುದು ಈ ಅಂಗಡಿಗಳ ಪದ್ಧತಿ, ಒಬ್ಬರು ಮೊದಲರ್ಧ ಓದುವಾಗ ಇನ್ನೊಬ್ಬರು ಉಳಿದರ್ಧ ಓದಬಹುದು, ಅದಕ್ಕೆ ಅವಳಿಗೆ ಎಷ್ಟು ಕೋಪ ಬರುತ್ತಿತ್ತು ಒಂದು ಕಾಲದಲ್ಲಿ, ತನ್ನ ಮಗುವನ್ನು ಸೊಂಟಕ್ಕೆ ಕತ್ತರಿಸಿದ ಹಾಗೆ — ಜಪ್ತಿ ಮಾಡೋಕೆ ಪೊಲೀಸ್ನೋರು ಬಂದಾಗ ಪುಸ್ತಕದ ಹೆಸರು ಹೇಳಿ ಕೇಳಿದ್ರು ಸಯಾಮ, ಅನ್ನುತ್ತಾಳೆ ದೋ ಥೇನ್, ಹೆಸರಿರೋ ಅರ್ಧ ಕೊಟ್ಟೆ, ಎಣಿಸ್ಕೊಂಡು ಖುಷಿಯಾಗಿ ಹೋದ್ರು, ಇದಕ್ಕೆ ಹೆಸರೇ ಇರಲಿಲ್ಲವಲ್ಲ, ಅಡುಗೆ ಪುಸ್ತಕಗಳ ಮಧ್ಯ ಕೂತಿತ್ತು. ಊರಿನ ಪ್ರತಿಗಳೆಲ್ಲ ಹಿಟ್ಟಾಗಿ ರದ್ದಿಯಾಗಿ ಮೊಟ್ಟೆಯ ತಟ್ಟೆಯಾಗಿ ಹೋದವು, ಇದು ಉಳಿಯಿತು, ತಲೆಯಿಲ್ಲದ್ದು ಇದೆಯಾ ಎಂದು ಕೇಳಿಕೊಂಡು ಬರುತ್ತಿದ್ದರಂತೆ ಹೆಂಗಸರು, ಅಕ್ಕಿ ಬೇಯುವಷ್ಟರಲ್ಲಿ ನಾಲ್ಕು ಪುಟ. ಇದರ ಕೊನೆಯ ಪುಟದಲ್ಲಿ ಏನಿದೆ ಎಂಬುದೊಂದನ್ನು ಬಿಟ್ಟು ಅವಳಿಗೆ ಈಗ ಪ್ರಪಂಚದಲ್ಲಿ ತಿಳಿಯಬೇಕಾದದ್ದು ಏನೂ ಇಲ್ಲ, ಅದಕ್ಕೇ ತೆರೆಯಲಾಗುತ್ತಿಲ್ಲ.

ಬರೆದವಳೇ ಮರೆತಳು ಅಂದರೆ ಯಾರು ನಂಬುತ್ತಾರೆ, ಆದರೆ ಬರೆದದ್ದು ಹಾಗೆ, ಅಮರಪುರದಲ್ಲಿ ಅಮ್ಮ ಮಗ್ಗದ ಮುಂದೆ ಕೂತು ನೂರು ಲಾಳಿಗಳನ್ನು ನೋಡದೆಯೇ ಎಸೆದ ಹಾಗೆ, ಅಮ್ಮನಿಗೆ ಹಿಂದಿನ ಗೇಣಿನ ನೇಯ್ಗೆ ಕೇಳಿದರೆ ಗೊತ್ತಿರುತ್ತಿತ್ತೇ, ಕೈಗೆ ಗೊತ್ತು ಅನ್ನುತ್ತಿದ್ದಳು, ಹತ್ತೊಂಬತ್ತನೆಯ ವಯಸ್ಸಿನಲ್ಲಿ ಮೊದಲ ಕಥೆ ಅಚ್ಚಾದಾಗ ಅದೇ ಅಮ್ಮ ಪತ್ರಿಕೆಯನ್ನು ತಿರುಗಿಸಿ ತಿರುಗಿಸಿ ನೋಡಿ, ಇಷ್ಟು ಸಣ್ಣ ಅಕ್ಷರಕ್ಕೆ ಕಣ್ಣು ಹಾಳಾಗಲ್ವೇನೇ, ಅಂದಿದ್ದಳು, ಆಮೇಲೆ ಆರು ಕಾದಂಬರಿ, ಸರ್ಕಾರದ ಪರಿಶೀಲನಾ ಕಚೇರಿಯವರು ಬೆಳ್ಳಿ ಬಣ್ಣ ಬಳಿದ ಸಾಲುಗಳು, ಓದುಗರು ಪುಟವನ್ನು ಬಿಸಿಲಿಗೆ ಹಿಡಿದು ಆ ಬೆಳ್ಳಿಯ ಹಿಂದಿನದನ್ನೇ ಮೊದಲು ಓದುತ್ತಿದ್ದರು, ಏಳನೆಯದಕ್ಕೆ ಬಣ್ಣವನ್ನೂ ಬಳಿಯಲಿಲ್ಲ, ಕೊನೆಯ ಅಧ್ಯಾಯವೇ ಬೇಡ, ಬೇರೆ ಬರೆದುಕೊಡಿ, ಸಂಜೆಯೊಳಗೆ — ಮುದ್ರಣಾಲಯದ ಮುರುಕು ಕುರ್ಚಿ, ಅಚ್ಚಿನ ಮೊಳೆ ಜೋಡಿಸುವ ಮುದುಕ ಊ ಬಾ ನ್ಯೋ ಎದುರಿಗೇ ನಿಂತು ಒದ್ದೆ ಪುಟವನ್ನು ಕೈಯಿಂದ ಕಿತ್ತುಕೊಳ್ಳುತ್ತಿದ್ದಾನೆ, ಬೇಗ ಬೇಗ ಸಯಾಮ, ನಿಮ್ಮ ಕಥೆಯ ಹುಡುಗಿ ಮನೆ ಸೇರಿಬಿಡಲಿ, ನಾನೂ ಮನೆ ಸೇರಬೇಕು, ಅನ್ನುತ್ತಿದ್ದಾನೆ, ಜೋಡಿಸಿದ ಪುಟವನ್ನೇ ಉಂಡೆ ಮಾಡಿ ಮೊಳೆ ಒರೆಸುತ್ತಿದ್ದಾನೆ, ಹಸ್ತಪ್ರತಿ ಅಂತ ಒಂದು ಇರಲೇ ಇಲ್ಲ. ಮತ್ತು ಅವತ್ತೇ ಬೆಳಿಗ್ಗೆ ಅವಳು ನೋಡಿದ್ದಳು, ಹಳದಿ ಗೇಟಿನ ಮನೆ, ಕದ ಮುಚ್ಚಿದ ಬಾಗಿಲು, ಮೆಟ್ಟಿಲ ಮೇಲೆ ಒಂದು ಜೊತೆ ಹಸಿರು ಮಖಮಲ್ಲಿನ ಚಪ್ಪಲಿ, ಬಲಗಾಲಿನ ಪಟ್ಟಿಗೆ ಬಿಳಿ ದಾರದ ಹೊಲಿಗೆ. ಮ ಪ್ಯೋನಳದು. ಗೆಳತಿ ಮ ಪ್ಯೋನ್, ಮಾರುಕಟ್ಟೆಯಲ್ಲಿ ಮಖಮಲ್ಲಿನ ಚಪ್ಪಲಿ ಹೊಲಿಯುವವಳು, ಸೊಟ್ಟ ಹೆಬ್ಬೆರಳಿಗೆ ಅವಳದೇ ಪಟ್ಟಿ ಸದಾ ಹರಿಯುತ್ತದೆ, ಬೇಕೆಂದೇ ಬಿಳಿ ದಾರ ಹಾಕುತ್ತಾಳೆ, ಪಗೋಡದ ಮೆಟ್ಟಿಲ ರಾಶಿಯಲ್ಲಿ ನನ್ನದನ್ನ ಯಾರೂ ಹಾಕ್ಕೊಂಡು ಹೋಗಬಾರದು ನೋಡು ಅನ್ನುತ್ತಾಳೆ, ಇಡೀ ಮಾರುಕಟ್ಟೆಗೆ ಆ ದಾರ ಗೊತ್ತು, ಆ ಮನೆಯೊಳಗೆ ಅವಳು ಕರಪತ್ರಗಳ ಯಂತ್ರ ತಿರುಗಿಸುತ್ತಿದ್ದಳು ಎಂಬುದು ಮಾತ್ರ ಯಾರಿಗೂ ಗೊತ್ತಿರಲಿಲ್ಲ, ಚಪ್ಪಲಿ ಹೊರಗೇ ಬಿಡುವ ಜನ ನಾವು, ಒಳಗೆ ಏನು ಬೇಕಾದರೂ ಬಚ್ಚಿಡುತ್ತೇವೆ, ಯಾರಿದ್ದಾರೆ ಎಂಬುದನ್ನು ಬಾಗಿಲಲ್ಲೇ ಬರೆದಿಟ್ಟು ಹೋಗುತ್ತೇವೆ. ಪುಸ್ತಕ ಬಂದ ಹನ್ನೊಂದನೆಯ ದಿನ ಮ ಪ್ಯೋನಳನ್ನು ಹಿಡಿದರು. ಮಾರುಕಟ್ಟೆಯಲ್ಲಿ ಮಾತು ಎದ್ದಿತು, ಕೊನೇ ಪುಟದಲ್ಲಿ ಚಪ್ಪಲಿ ಇದೆಯಂತೆ, ಓದಿಯೇ ಹಿಡಿದ್ರಂತೆ, ಮೀನಿನವಳು ಓನ್ ಚೀಗೆ ಮೀನು ತೂಗುವುದನ್ನು ನಿಲ್ಲಿಸಿದಳು, ಮತ್ತೆ ಪ್ರತಿ ಹುಡುಕೋಣವೆಂದರೆ ಪ್ರತಿಯೇ ಇಲ್ಲ, ಅವಳ ಮನೆಯದನ್ನೂ ಜಪ್ತಿ ಮಾಡಿದ್ದರು, ಊ ಬಾ ನ್ಯೋ ಮಳೆಗಾಲದ ಜ್ವರದಲ್ಲಿ ತೀರಿಕೊಂಡ, ಉಳಿದದ್ದು ಕಣ್ಣು ಮುಚ್ಚಿದರೆ ಹಸಿರು ಚಪ್ಪಲಿ ಬಿಳಿ ದಾರ, ಅಷ್ಟು ಸ್ಪಷ್ಟವಾಗಿ ಕಾಣುವುದು ನೋಡಿದ್ದೋ ಬರೆದದ್ದೋ, ನೋಡಿದ್ದೆಲ್ಲವನ್ನೂ ಬರೆಯುವ ಚಟದವಳಲ್ಲವೇ ಅವಳು, ಯಾರ ಅತ್ತೆಯ ನರೂಲಿಯನ್ನೂ ಬಿಟ್ಟವಳಲ್ಲ.

ನಾಲ್ಕು ವರ್ಷ. ಮ ಪ್ಯೋನ್ ಜೈಲಿನಿಂದ ಹೊರಗೆ ಬಂದ ಮೂರನೆಯ ದಿನ ಓನ್ ಚೀಯ ಮನೆಗೇ ಬಂದಳು, ಹುಳಿ ಚಹಾ ಎಲೆಯ ಗೊಜ್ಜಿಗೆ ಹುರಿದ ಬೆಳ್ಳುಳ್ಳಿ ಸಾಲದು ಎಂದು ಬೈದಳು, ನಿನ್ನ ಪುಸ್ತಕ ಓದಕ್ಕೆ ಆಗಲಿಲ್ಲ ಕಣೇ, ಅಲ್ಲಿ ನಂಗೆ ಬಿಡುವೇ ಕೊಡಲಿಲ್ಲ, ಎಂದು ತಾನೇ ನಕ್ಕಳು — ಮತ್ತು ಬಾಗಿಲಲ್ಲಿ ಚಪ್ಪಲಿ ಬಿಡಲಿಲ್ಲ. ಕಳಚಿ, ಧೂಳು ಕೊಡವಿ, ಹಾಳೆಯಲ್ಲಿ ಸುತ್ತಿ ಕಂಕುಳಲ್ಲಿ ಇಟ್ಟುಕೊಂಡು ಒಳಗೆ ಬಂದಳು, ಚಪ್ಪಲಿಯನ್ನು, ಮನೆಯೊಳಗೆ, ಬುದ್ಧನ ಪೀಠವಿರುವ ಕೋಣೆಯ ಪಕ್ಕ, ಅವತ್ತಿನಿಂದ ಇವತ್ತಿನವರೆಗೆ ಯಾರ ಮನೆಗೆ ಹೋದರೂ ಹಾಗೆಯೇ, ಅವರಿವರ ಸೊಸೆಯರು ಮೂಗು ಮುರಿದರೂ ಹಾಗೆಯೇ, ಆ ಪೊಟ್ಟಣ ಪ್ರತಿ ಸಲ ಓನ್ ಚೀಯ ಎದುರಿಗೆ ಚಾಪೆಯ ಅಂಚಿನಲ್ಲಿ ಕೂರುತ್ತಿತ್ತು, ನೋಡು ನೀನು ಮಾಡಿದ್ದು, ಅನ್ನುತ್ತಿತ್ತು, ಮ ಪ್ಯೋನ್ ಮಾತ್ರ ಏನೂ ಅನ್ನುತ್ತಿರಲಿಲ್ಲ, ಓನ್ ಚೀ ಏನೂ ಕೇಳುತ್ತಿರಲಿಲ್ಲ, ನಾನು ಬರೆದಿದ್ದೆನಾ ಎಂದು ಹೇಗೆ ಕೇಳುವುದು, ಯಾರನ್ನು. ಆಮೇಲೆ ಬರೆದ ಐದು ಕಾದಂಬರಿಗಳಲ್ಲಿ ಯಾರೂ ಮನೆ ಸೇರುವುದಿಲ್ಲ, ಬಾಗಿಲು ಬರುವುದರೊಳಗೆ ಪುಸ್ತಕ ನಿಂತುಬಿಡುತ್ತದೆ, ವಿಮರ್ಶಕರು ಮುಕ್ತ ಅಂತ್ಯದ ಮಹಾಗುರು ಎಂದರು, ರಂಗೂನಿನಲ್ಲಿ ಶಾಲು ಹೊದಿಸಿದರು, ಹೆದರಿಕೆಗೆ ಶಾಲು ಹೊದಿಸಿದರೆ ಶೈಲಿಯಾಗುತ್ತದೆ, ಅವಳು ಕೈಮುಗಿದು ಇಸಿದುಕೊಂಡಳು.

ಸಾಕು, ತೆಗೆ, ಎಪ್ಪತ್ತೊಂದು ವಯಸ್ಸಾಯಿತು, ಸಾಯುವ ಮೊದಲು — ಹಿಂದಿನಿಂದ ತೆರೆದಳು, ಕೊನೆಯ ಪುಟ, ಎಣ್ಣೆಯ ಬೆರಳಿನ ಗುರುತು, ಕಣ್ಣು ಸಾಲನ್ನು ಹಿಡಿಯುತ್ತಿಲ್ಲ, ಕನ್ನಡಕ, ಎಲ್ಲಿ, ತಲೆಯ ಮೇಲೇ ಇದೆ ಸಯಾಮ, ಹುಡುಗಿ ಬೀದಿ ದಾಟುತ್ತಾಳೆ, ಬಾಗಿಲು ಬಂತು, ಚಪ್ಪಲಿ — ಇದೆ, ಇದೆಯಲ್ಲ, ಚಪ್ಪಲಿ ಅನ್ನುವ ಮಾತು ಅಲ್ಲೇ ಇದೆ, ಮಾರುಕಟ್ಟೆಯವರು ಹೇಳಿದ್ದು ನಿಜ — ಕೆಂಪು ರಬ್ಬರಿನ ಚಪ್ಪಲಿ. ಕೆಂಪು. ರಬ್ಬರು. ಮತ್ತೆ ಓದು. ಕೆಂಪು ರಬ್ಬರಿನ ಚಪ್ಪಲಿಯನ್ನು ಕಳಚಿ ಕಂಕುಳಲ್ಲಿ ಇಟ್ಟುಕೊಂಡು ಅವಳು ಒಳಗೆ ಹೋದಳು, ಬಾಗಿಲ ಮುಂದೆ ಏನೂ ಉಳಿಯಲಿಲ್ಲ. ಅಷ್ಟೇ. ಕೆಳಗೆ ಮುದ್ರಕರ ವಿಳಾಸ. ಈಗ ಊ ಬಾ ನ್ಯೋನ ಧ್ವನಿ ಎಲ್ಲಿಂದಲೋ ಬರುತ್ತದೆ, ಸಯಾಮ, ಯಾವಳಾದರೂ ಚಪ್ಪಲಿ ಒಳಗೆ ಒಯ್ತಾಳಾ, ನಗ್ತಾರೆ ಜನ, ಇವಳು ಒಯ್ಯುತ್ತಾಳೆ ತಾತ, ಜೋಡಿಸು, ಅಂದಿದ್ದಳು, ಹೌದು, ಬೇಕೆಂದೇ, ಬೆಳಿಗ್ಗೆ ನೋಡಿದ್ದರ ಭಯದಿಂದ, ಹೊರಗೆ ಬಿಡಬೇಡ ಕಣೇ ಎಂದು ಕಾಗದದ ಹುಡುಗಿಗೆ ಹೇಳಿದ್ದಳು, ಅವಳು ನೋಡಿದ್ದನ್ನು ಬರೆಯದೆ ಬಿಟ್ಟದ್ದು ಜೀವಮಾನದಲ್ಲಿ ಅದೊಂದೇ ಸಲ, ಅದನ್ನೇ ಮರೆತಿದ್ದಳು, ಭುಜದಿಂದ ಏನೋ ಭಾರ ಇಳಿದು ನೆಲಕ್ಕೆ ಬಿತ್ತು, ಹಸಿವಾಗುತ್ತಿದೆ, ಇದ್ದಕ್ಕಿದ್ದಂತೆ ಬೆಂಕಿಯಂಥ ಹಸಿವು, ಅಂಚಿನಲ್ಲಿ ಯಾರೋ ಸೀಸದಕಡ್ಡಿಯಲ್ಲಿ ಗೀಚಿದ್ದಾರೆ, ಸುಳ್ಳು, ಯಾರ ಮನೆಯಲ್ಲೂ ಹೀಗೆ ಮಾಡುವುದಿಲ್ಲ, ಅದರ ಕೆಳಗೆ ಬೇರೆ ಕೈ, ಎಡಕ್ಕೆ ವಾಲಿದ ಅಕ್ಷರ, ಒಂದೇ ಪದ, ಮಾಡುತ್ತಾರೆ. ಎಡಕ್ಕೆ ವಾಲಿದ ಅಕ್ಷರ. ಆ ವಾಲಿಕೆ ಅವಳಿಗೆ ಗೊತ್ತು.

ಇದನ್ನ ಯಾರು ಓದ್ತಿದ್ರು, ಅಂದಳು. ಯಾರು ಓದಿಲ್ಲ ಕೇಳಿ, ದೋ ಥೇನ್ ಕಟ್ಟು ಕಟ್ಟುತ್ತಲೇ ಹೇಳುತ್ತಾಳೆ, ನಿಮ್ಮ ಗೆಳತಿ ಮ ಪ್ಯೋನ್ ಜೈಲಿಂದ ಬಂದ ದಿನವೇ ಒಯ್ದಳು, ಆಮೇಲೆ ವರ್ಷಕ್ಕೊಂದು ಸಲ, ಓದೋದು ಕೊನೇ ಪುಟ ಒಂದೇ, ಇದನ್ನ ಬರೆದೋಳು ನನಗೆ ಮೊದಲೇ ಬುದ್ಧಿ ಹೇಳಿಟ್ಟಿದ್ದಾಳೆ ನೋಡು ಅಂತಾಳೆ. ನಿಮಗೆ ಹೇಳಲಿಲ್ವಾ? ಹೇಳೋದೇನು, ಬರೆದೋರಿಗೆ ಬರೆದದ್ದು ನೆನಪಿರಲ್ವಾ. ಮೊದಲು ಓದಿದ್ದಾಳೆ, ಮೂರನೆಯ ದಿನ ಬಂದಿದ್ದಾಳೆ, ಓದಲಿಲ್ಲ ಎಂದು ನಕ್ಕಿದ್ದು ಸುಳ್ಳು, ಆ ಪೊಟ್ಟಣ, ಇಪ್ಪತ್ತನಾಲ್ಕು ವರ್ಷ ಎದುರಿಗೆ ಕೂತ ಪೊಟ್ಟಣ, ಬೈಗುಳವಲ್ಲ, ಅವಳದೇ ಸಾಲು, ಅವಳ ಸಾಲನ್ನು ಕಂಕುಳಲ್ಲಿ ಇಟ್ಟುಕೊಂಡು ಊರೆಲ್ಲ ತಿರುಗಿದ್ದಾಳೆ ಮಹರಾಯ್ತಿ, ಒಂದು ಮಾತು ಹೇಳಬಾರದಿತ್ತೇ, ಒಂದು ಮಾತು ಕೇಳಬಾರದಿತ್ತೇ, ನಗು ಬರುತ್ತಿದೆ, ಕನ್ನಡಕ ಮಂಜಾಗುತ್ತಿದೆ, ಇವತ್ತೇ ಒಂದು ಕಥೆ ಶುರುಮಾಡಬಹುದು, ಅದರಲ್ಲಿ ಎಲ್ಲರೂ ಮನೆ ಸೇರಬಹುದು, ಕದ ತೆಗೆಯಬಹುದು, ಬಾಗಿಲಲ್ಲಿ ಬಿಸಿಲು ಯಾರಿಗೋ ಅಡ್ಡವಾಯಿತು, ಸಿಕ್ಕಿತೇನೇ ನಿನ್ನ ತಲೆಯಿಲ್ಲದ ಮಗು, ಅಂದಿತು ಆ ನೆರಳು, ಬಗ್ಗಿತು, ಮಂಡಿ ನೋವಿಗೆ ಬೈದುಕೊಂಡಿತು, ಧೂಳು ಕೊಡವಿತು, ಇವತ್ತು ಹಾಳೆಯನ್ನೂ ಸುತ್ತಿಲ್ಲ, ತೋಳಿನ ಕೆಳಗೆ ಹಸಿರು ಮಖಮಲ್ಲು, ಬಲಗಾಲಿನದು, ಬಿಳಿ ದಾರ, ಬಿಳಿ ದಾರ